ಫ್ಲಾರಿಡಾದ ಚಿಪ್ಪಿನಿಂದ ಊದುವ ಶಂಖ ಮಾಡಿಕೊಂಡ ಬಗೆ

ಫ್ಲಾರಿಡಾದ ಪಶ್ಚಿಮ ದಂಡೆಯಲ್ಲಿ ಫೋರ್ಟ್ ಮೈಯರ್ಸ್ ಅಂತ ಒಂದು ಊರಿದೆ. ಅಲ್ಲಿಂದ ಉದ್ದದ ಸೇತುವೆ ದಾಟಿದರೆ ಸ್ಯಾನಿಬೆಲ್ ದ್ವೀಪ. ಕೆಲಸಕ್ಕೆ ಅಂತ ಈ ಕಡೆ ಬಂದ ನಾನು, ರಜಾ ಸಿಕ್ಕಾಗಲೆಲ್ಲ ಅಲ್ಲಿ ಚಿಪ್ಪು ಹೆಕ್ಕುವ ಹುಚ್ಚು ಹತ್ತಿಸಿಕೊಂಡೆ.

ಈ ಕರಾವಳಿಯ ಬಹುತೇಕ ದ್ವೀಪಗಳು ಉತ್ತರ-ದಕ್ಷಿಣವಾಗಿ ಮಲಗಿವೆ. ಸ್ಯಾನಿಬೆಲ್ ಮಾತ್ರ ಬಾಗಿ ಪೂರ್ವ-ಪಶ್ಚಿಮಕ್ಕೆ ತಿರುಗಿಕೊಂಡಿದೆ. ಹೊರಗೆ ಮೆಕ್ಸಿಕೋ ಕೊಲ್ಲಿಯ ತಳ ಬಹಳ ದೂರದವರೆಗೂ ನಿಧಾನವಾಗಿ ಇಳಿಯುತ್ತಾ ಹೋಗುತ್ತದೆ. ಬಂಡೆಗಳ ಕಾಟ ಕಡಿಮೆ. ಹಾಗಾಗಿ ಅಲೆ ತಳ್ಳಿಕೊಂಡು ಬಂದ ಚಿಪ್ಪು ಜಾಸ್ತಿ ಒಡೆಯದೆ ಬಂದು, ಅಡ್ಡಕ್ಕಿರುವ ಈ ದಂಡೆಗೆ ಸಿಕ್ಕಿಕೊಳ್ಳುತ್ತದೆ. ಬೆಳಿಗ್ಗೆ ಹೋದರೆ ಎಲ್ಲರೂ ಸೊಂಟ ಬಗ್ಗಿಸಿಕೊಂಡೇ ನಡೆಯುತ್ತಿರುತ್ತಾರೆ. ಆ ಭಂಗಿಗೆ ಇಲ್ಲಿಯವರು ‘ಸ್ಯಾನಿಬೆಲ್ ಸ್ಟೂಪ್’ ಅಂತಲೇ ಹೆಸರಿಟ್ಟಿದ್ದಾರೆ. ನನಗಂತೂ ನಾಟಿ ಗದ್ದೆ ನೋಡಿದ ಹಾಗೇ ಆಗುತ್ತದೆ.

ನಾನು ಹೋಗುವುದು ಚಳಿಗಾಲದಲ್ಲಿ. ವಾಯವ್ಯದ ಗಾಳಿ ಒಂದೆರಡು ದಿನ ಜೋರಾಗಿ ಬೀಸಿ ನಿಂತ ಮೇಲೆ, ಅಮಾವಾಸ್ಯೆ ಇಲ್ಲವೇ ಹುಣ್ಣಿಮೆಯ ಆಸುಪಾಸು, ಇಳಿತದ ಹೊತ್ತಿಗೆ. ಆಗ ನೀರು ಎಂದಿಗಿಂತ ಹಿಂದಕ್ಕೆ ಸರಿದಿರುತ್ತದೆ. ಬೆಳಕು ಹರಿಯುವ ಮೊದಲೇ ಟಾರ್ಚ್ ಹಿಡಿದು ಬರುವವರು ಇರುತ್ತಾರೆ, ಅವರಿಗಿಂತ ಮುಂಚೆ ನಾವು ಇರಬೇಕು, ಅಷ್ಟೇ. ಬೇಸಿಗೆಯಲ್ಲಿ ನೀರಿಗಿಳಿದರೆ ಕಾಲೆತ್ತಿ ಇಡಬಾರದು, ಮರಳಿನಲ್ಲಿ ಎಳೆದುಕೊಂಡೇ ಹೋಗಬೇಕು. ಮುಳ್ಳುಬಾಲದ ತೊರಕೆ ಮೀನು ಮರಳಿನಡಿ ಅಡಗಿರುತ್ತದೆ. ಕಾಲಿನ ಸದ್ದಿಗೆ ಅದು ಸರಿದುಹೋಗುತ್ತದೆ, ತುಳಿದರೆ ಚುಚ್ಚುತ್ತದೆ.

ಇಲ್ಲಿ ಎಲ್ಲಕ್ಕಿಂತ ಮುಖ್ಯವಾದ ನಿಯಮ ಒಂದೇ: ಜೀವ ಇರುವ ಚಿಪ್ಪನ್ನು ತರುವಂತಿಲ್ಲ. ಸ್ಯಾನಿಬೆಲ್‌ನಲ್ಲಿ ಇದು 1995ರಿಂದ ಕಾನೂನು. ನಕ್ಷತ್ರಮೀನು, ನಾಣ್ಯದಂತೆ ಚಪ್ಪಟೆಯಾದ ಕಡಲಜೀವಿ ಸ್ಯಾಂಡ್ ಡಾಲರ್‌ಗಳಿಗೂ ಅನ್ವಯ. ಶಂಖದ ಬಾಯಿಗೆ ಕಂದು ಬಣ್ಣದ ಗಟ್ಟಿ ಮುಚ್ಚಳ ಕಂಡರೆ ಹುಳು ಒಳಗಿದೆ ಅಂತ ಅರ್ಥ, ವಾಪಸ್ ನೀರಿಗೆ. ಮುಚ್ಚಳ ಇಲ್ಲ ಅಂದ ಮಾತ್ರಕ್ಕೆ ಖಾಲಿ ಅಂತಲೂ ಅಲ್ಲ. ಹರ್ಮಿಟ್ ಏಡಿ ಒಳಗೆ ಬಿಡಾರ ಹೂಡಿರಬಹುದು. ಅದಕ್ಕೇ ನಾನು ಸಿಕ್ಕಿದ್ದನ್ನು ಮೊದಲು ಸಮುದ್ರದ ನೀರಿರುವ ಬಕೆಟ್‌ನಲ್ಲಿ ಹಾಕಿ ಸುಮ್ನೆ ಕಾಯುತ್ತೇನೆ. ಸ್ವಲ್ಪ ಹೊತ್ತಿಗೆ ಕಾಲುಗಳು ಹೊರಗೆ ಬಂದರೆ ಆ ಮನೆ ಅದರದ್ದೇ.

ದಂಡೆಯಲ್ಲಿ ಹೇರಳವಾಗಿ ಸಿಗುವುದು ಫೈಟಿಂಗ್ ಕಾಂಕ್. ಮುಷ್ಟಿಯೊಳಗೆ ಹಿಡಿಸುವ ಕಂದು-ಕಿತ್ತಳೆ ಶಂಖ. ಹೆಸರಿಗೆ ಜಗಳಗಂಟ, ತಿನ್ನುವುದು ಪಾಚಿ. ಕಡ್ಡಿಯ ತುದಿಗೆ ಸಿಕ್ಕಿಸಿದಂತಿರುವ ಎರಡು ಕಣ್ಣು ಹೊರಗೆ ಚಾಚಿ ನಮ್ಮನ್ನೇ ನೋಡುತ್ತದೆ. ಕೈಯಲ್ಲಿ ಹಿಡಿದರೆ ಕುಡುಗೋಲಿನಾಕಾರದ ಮುಚ್ಚಳವನ್ನು ಬೀಸಿ ಒದ್ದಾಡುತ್ತದೆ. ಇನ್ನು ಹಾರ್ಸ್ ಕಾಂಕ್, 1969ರಿಂದ ಫ್ಲಾರಿಡಾ ರಾಜ್ಯದ ಅಧಿಕೃತ ಚಿಪ್ಪು. ಎರಡು ಅಡಿವರೆಗೂ ಬೆಳೆಯಬಲ್ಲದು, ಒಳಗಿನ ಹುಳುವಿನ ಮೈ ಉಜ್ವಲ ಕಿತ್ತಳೆ ಬಣ್ಣ. ಬೇರೆ ಶಂಖದ ಹುಳುಗಳನ್ನೇ ಹಿಡಿದು ತಿನ್ನುತ್ತದೆ. ಚುಕ್ಕೆ ಚುಕ್ಕೆಯ ಜುನೋನಿಯಾ ಸಿಕ್ಕಿದವರ ಫೋಟೋ ಸ್ಥಳೀಯ ಪತ್ರಿಕೆಯಲ್ಲಿ ಬರುತ್ತದೆ. ಅದು ಆಳ ನೀರಿನದ್ದು, ದಂಡೆಗೆ ಬರುವುದೇ ಅಪರೂಪ. ನನಗೆ ಅದರ ಆಸೆ ಅಷ್ಟಿಲ್ಲ. ನನಗೆ ಬೇಕಾಗಿದ್ದು ಊದುವಂಥದ್ದು. ಊರಿನಲ್ಲಿ ಶಂಖ-ಜಾಗಟೆ ಹಿಡಿದು ಬರುತ್ತಿದ್ದ ದಾಸಯ್ಯನ ಹಿಂದೆ ಓಡಿದವಳು ನಾನು.

ಅದಕ್ಕೆ ಒದಗಿದ್ದು ಲೈಟ್ನಿಂಗ್ ವೆಲ್ಕ್ ಅನ್ನುವ ಶಂಖ. ಮರಿಯಾಗಿದ್ದಾಗ ಮೈಮೇಲೆ ಮಿಂಚಿನಂಥ ಕಂದು ಗೆರೆಗಳಿರುತ್ತವೆ, ವಯಸ್ಸಾದಂತೆ ಬೆಳ್ಳಗಾಗುತ್ತದೆ. ಯುರೋಪಿನವರು ಬರುವ ಮೊದಲು ಇಲ್ಲಿದ್ದ ಕಲೂಸಾ ಜನರು ಇದರಿಂದ ಸುತ್ತಿಗೆ, ಬಟ್ಟಲು ಮಾಡಿಕೊಳ್ಳುತ್ತಿದ್ದರು. ಅವರು ಚಿಪ್ಪು ಒಟ್ಟಿ ಎಬ್ಬಿಸಿದ ದಿಬ್ಬಗಳು ಹತ್ತಿರದ ಮೌಂಡ್ ಕೀ ದ್ವೀಪದಲ್ಲಿ ಇವತ್ತಿಗೂ ಇವೆ.

ಊದಲು ಎಂಟು ಇಂಚಿಗಿಂತ ದೊಡ್ಡದು, ಬಿರುಕಿಲ್ಲದ್ದು ಬೇಕು. ಚಿಕ್ಕದು ಕೀರಲು ದನಿ ಕೊಡುತ್ತದೆ. ಮೊದಲು ಶುಚಿ ಮಾಡಬೇಕು. ಬಟ್ಟೆಗೆ ಹಾಕುವ ಬ್ಲೀಚ್ ಅರ್ಧ, ನೀರು ಅರ್ಧ, ಅದರಲ್ಲಿ ರಾತ್ರಿಯಿಡೀ ನೆನೆಸುತ್ತೇನೆ, ಮನೆಯ ಹೊರಗೆ. ಪಾಚಿ, ಮೇಲಿನ ಕಂದು ಸಿಪ್ಪೆ ಎಲ್ಲ ಬಿಟ್ಟುಕೊಳ್ಳುತ್ತದೆ. ಮೇಲೆ ಗಟ್ಟಿಯಾಗಿ ಅಂಟಿಕೊಂಡಿರುವ ಪುಟ್ಟ ಕಡಲಜೀವಿ ಬಾರ್ನಕಲ್‌ಗಳನ್ನು ಹಲ್ಲಿನ ಡಾಕ್ಟರ್ ಬಳಸುವಂಥ ಕೊಕ್ಕೆಯಿಂದ ಕೀಳಬಹುದು. ಹೊಳಪಿಗೆ ಅಂತ ವಿನೆಗರ್ ಹಚ್ಚುವವರಿದ್ದಾರೆ. ನಾನಂತೂ ಹಚ್ಚಲ್ಲ. ಚಿಪ್ಪು ಅಂದರೆ ಸುಣ್ಣವೇ ಅಲ್ವಾ, ಹುಳಿ ಅದನ್ನು ತಿಂದುಬಿಡುತ್ತದೆ. ಜೊತೆಗೆ ಬ್ಲೀಚಿಗೆ ವಿನೆಗರ್ ಸೇರಿದರೆ ವಿಷದ ಕ್ಲೋರಿನ್ ಅನಿಲ ಏಳುತ್ತದೆ. ಒಣಗಿದ ಮೇಲೆ ಎರಡು ಹನಿ ಬೇಬಿ ಆಯಿಲ್ ಸವರಿದರೆ ಸಾಕು.

ಆಮೇಲೆ ತುದಿ ಕತ್ತರಿಸುವುದು. ಸುರುಳಿಯ ಚೂಪಾದ ತುದಿಯನ್ನು ಹ್ಯಾಕ್ಸಾ ಬ್ಲೇಡಿನಿಂದ ಸ್ವಲ್ಪ ಸ್ವಲ್ಪವೇ ಕೊಯ್ಯುತ್ತೇನೆ. ನಲ್ಲಿ ನೀರು ಬೀಳುತ್ತಲೇ ಇರಬೇಕು, ಮೂಗಿಗೆ ಮಾಸ್ಕ್ ಬೇಕೇ ಬೇಕು. ಈ ಪುಡಿ ಶ್ವಾಸಕೋಶಕ್ಕೆ ಒಳ್ಳೆಯದಲ್ಲ. ತೂತು ಒಂದೂವರೆ ಸೆಂಟಿಮೀಟರ್ ಆಗುವಷ್ಟಕ್ಕೆ ನಿಲ್ಲಿಸಬೇಕು. ಹೆಚ್ಚು ಕೊಯ್ದರೆ ಮತ್ತೆ ಜೋಡಿಸಲು ಆಗಲ್ಲ. ಒಳಗೆ ಸುರುಳಿಯ ತೆಳು ಗೋಡೆ ಅಡ್ಡ ಇರುತ್ತದೆ, ಅದನ್ನು ಸ್ಕ್ರೂಡ್ರೈವರ್‌ನಿಂದ ಮೆಲ್ಲಗೆ ಒಡೆದು, ದುಂಡನೆಯ ಅರದಿಂದ ಉಜ್ಜಿ ದಾರಿ ಬಿಡಿಸುತ್ತೇನೆ. ಕೊನೆಗೆ ಅಂಚಿಗೆ ನೀರಿನಲ್ಲಿ ಉಜ್ಜುವ ಮರಳು ಕಾಗದ. ತುಟಿಗೆ ತರಚಬಾರದು.

ಊದುವುದು ಬಲದ ಕೆಲಸ ಅಂತ ಎಲ್ಲರೂ ಅಂದುಕೊಳ್ಳುತ್ತಾರೆ. ಕೆನ್ನೆ ಉಬ್ಬಿಸಿದರೆ ಬರೀ ಗಾಳಿ ಬರುತ್ತದೆ. ತುಟಿ ಬಿಗಿ ಮಾಡಿ ‘ಬ್ರ್ರ್’ ಅಂತ ಅದುರಿಸಬೇಕು, ದನಿ ಹುಟ್ಟುವುದು ಅಲ್ಲಿ. ಶಂಖ ಅದನ್ನು ದೊಡ್ಡದು ಮಾಡುತ್ತದೆ ಅಷ್ಟೇ. ಶಂಖದ ಬಾಯಿಯ ಕಡೆ ಅಂಗೈ ಅಡ್ಡ ಹಿಡಿದರೆ ಸ್ವರ ತಗ್ಗುತ್ತದೆ. ರಾಜ್ಯದ ದಕ್ಷಿಣ ತುದಿಯ ಕೀ ವೆಸ್ಟ್‌ನಲ್ಲಿ ಶಂಖ ಊದುವ ಸ್ಪರ್ಧೆಯೇ ನಡೆಯುತ್ತದೆ. ಅಲ್ಲಿ ಗುಲಾಬಿ ಬಾಯಿಯ ಕ್ವೀನ್ ಕಾಂಕ್‌ಗೆ ಮರ್ಯಾದೆ ಜಾಸ್ತಿ. ಜನ ತಿಂದು ತಿಂದು ಅವು ಎಷ್ಟು ಕಡಿಮೆಯಾದವೆಂದರೆ, ಈಗ ಫ್ಲಾರಿಡಾದಲ್ಲಿ ಅವನ್ನು ಹಿಡಿಯುವುದಕ್ಕೇ ನಿಷೇಧ.

ಈ ವೆಲ್ಕ್‌ನ ಇನ್ನೊಂದು ಕಥೆ ನಮ್ಮ ಊರಿಗೆ ಸಂಬಂಧಪಟ್ಟದ್ದು. ಬಹುತೇಕ ಶಂಖಗಳಲ್ಲಿ ಸುರುಳಿ ಮೇಲೆ, ಬಾಯಿ ನಮ್ಮ ಕಡೆ ಇಟ್ಟು ಹಿಡಿದರೆ ಬಾಯಿ ಬಲಕ್ಕಿರುತ್ತದೆ. ಇದರಲ್ಲಿ ಎಡಕ್ಕೆ. ನಮ್ಮಲ್ಲಿ ಶಂಖವನ್ನು ತಿರುಗಿಸಿ, ಬಾಲ, ಅಂದರೆ ಸುರುಳಿಗೆ ಎದುರಿನ ತುದಿ, ಮೇಲೆ ಮಾಡಿ ನೋಡುವುದರಿಂದ ಅದೇ ಬಾಯಿ ಬಲಕ್ಕೆ ಬರುತ್ತದೆ, ಅಂದರೆ ಬಲಮುರಿ! ಪೂಜೆಯ ಶಂಖ ಮನ್ನಾರ್ ಕೊಲ್ಲಿ, ಪಾಕ್ ಕೊಲ್ಲಿ ಕಡೆಯಿಂದ ಬರುವ ಬೇರೆ ಜಾತಿ. ಅದರಲ್ಲಿ ಬಲಮುರಿ ಅತ್ಯಂತ ಅಪರೂಪ, ಲಕ್ಷಗಟ್ಟಲೆ ಬೆಲೆ ಹೇಳುತ್ತಾರೆ. ಇಲ್ಲಿ ದಂಡೆಯಲ್ಲಿ ಬಿದ್ದಿರುವ ವೆಲ್ಕ್‌ಗಳೆಲ್ಲ ಹೆಚ್ಚುಕಮ್ಮಿ ಬಲಮುರಿಯೇ. ಅವು ಭಾರತಕ್ಕೆ ಹೋಗಿ ಅದೇ ಹೆಸರಿನಲ್ಲಿ ಮಾರಾಟವಾಗುತ್ತವೆ. ಶಂಖದಿಂದ ಬಂದರೇ ತೀರ್ಥ ಅನ್ನುವ ನಾವು, ಆ ಶಂಖ ಎಲ್ಲಿಂದ ಬಂತು ಅಂತ ಕೇಳುವುದಿಲ್ಲ.

ಅಮ್ಮನಿಗೆ ಪರಿಚಯದವರು ಬಲಮುರಿ ಅಂತ ಒಂದು ಶಂಖ ತೋರಿಸಿದ್ದರಂತೆ. ವಿಡಿಯೋ ಕಾಲ್‌ನಲ್ಲಿ ನೋಡಿ, “ಅಮ್ಮ, ಬಾಯೊಳಗೆ ಬೆರಳು ಹಾಕಿ ನಡುಕಂಬ ಸವರು. ಏಣು ಏಣಾಗಿ ಮೂರು-ನಾಲ್ಕು ಮಡಿಕೆ ಸಿಗುತ್ತಾ?” ಅಂದೆ. ಇಲ್ಲ, ನುಣ್ಣಗಿದೆ ಅಂದರು. ಹಾಗಾದರೆ ಅದು ನಮ್ಮ ಕಡಲಿನದ್ದಲ್ಲ. ನಿಜವಾದ ಶಂಖಕ್ಕೆ ಆ ಮಡಿಕೆ ಇರಲೇಬೇಕು. ಗಾತ್ರಕ್ಕೆ ತಕ್ಕ ಭಾರವೂ ಇರುತ್ತದೆ. ವೆಲ್ಕ್ ಹಗುರ, ಭುಜದ ಮೇಲೆ ಗುಬುಟು, ಬಾಲ ಉದ್ದ. ಕೊಳ್ಳುವುದಾದರೆ ಬೆರಳು ಹಾಕಿ ನೋಡಿ. ಮಾರುವವನು ಬಿಡದಿದ್ದರೆ ದುಡ್ಡು ಜೇಬಿನಲ್ಲೇ ಇರಲಿ.