ಮಶೀನಿಗೆ ಮುಂಚೆ ಐದು ಬೆರಳು

ತಮ್ಮ ಎಂಬ ಹುಡುಗ ಮೊದಲ ಸಲ ಕಟ್ಟಡದ ಸೈಟಿನಲ್ಲಿ ಮಕ್ಕಳನ್ನು ನೋಡಿಕೊಳ್ಳುವ ನಮ್ಮ ಕೋಣೆಗೆ ಬಂದಿದ್ದು ಜುಲೈ ತಿಂಗಳಲ್ಲಿ. ತಗಡಿನ ಚಾವಣಿ ಮೇಲೆ ಮಳೆ ಹೊಡೆಯುತ್ತಿತ್ತು. ನಾಲ್ಕು ವರ್ಷದ ಹುಡುಗ ಬಾಗಿಲಲ್ಲೇ ಕುಕ್ಕರಗಾಲಲ್ಲಿ ಕೂತು, ಎರಡೂ ಕಿವಿ ಮುಚ್ಚಿ, ಹಣೆಯನ್ನು ಮೊಣಕಾಲಿಗೆ ಒತ್ತಿಕೊಂಡು ಕಿರುಚುತ್ತಿದ್ದ. ಅವನ ಅವ್ವ ಕೈಯಲ್ಲಿ ಸಿಂಬಿ ಹಿಡಿದು ನಿಂತಿದ್ದಳು. "ಭಾಳ ಹಠಮಾರಿ ಅದಾನ್ರೀ ಅಕ್ಕಾರ. ಎರಡು ಏಟು ಹಾಕ್ರಿ, ಸುಮ್ಕಾಗ್ತಾನ" ಎಂದು ಹೇಳಿ ಓಡಿದಳು. ಹಾಜರಿಗೆ ತಡವಾದರೆ ಅರ್ಧ ದಿನದ ಕೂಲಿ ಹೋಗುತ್ತಿತ್ತು. ಅವಳನ್ನು ನಿಲ್ಲಿಸಿ ಮಾತಾಡುವ ಹಾಗಿರಲಿಲ್ಲ.

ತಮ್ಮ ಅನ್ನುವುದು ಮನೆಯಲ್ಲಿ ಕರೆಯುತ್ತಿದ್ದ ಹೆಸರು. ಇಲ್ಲಿಯೂ ಹಾಗೇ ಕರೆಯುತ್ತೇನೆ.

ನಾನು ಧಾರವಾಡದವಳು. ಮದುವೆಯಾಗಿ ಪುಣೆಗೆ ಬಂದೆ. ಹದಿಮೂರು ವರ್ಷದಿಂದ ಕಟ್ಟಡ ಕೆಲಸದ ಸೈಟ್‌ಗಳಲ್ಲಿ ಪಾಳಣಾಘರ ನೋಡಿಕೊಳ್ಳುತ್ತಿದ್ದೇನೆ. ತೊಟ್ಟಿಲ ಮನೆ ಅಂತ ಅದರ ಅರ್ಥ. 50ಕ್ಕಿಂತ ಹೆಚ್ಚು ಹೆಂಗಸರು ದುಡಿಯುವ ಸೈಟಿನಲ್ಲಿ 6 ವರ್ಷದೊಳಗಿನ ಮಕ್ಕಳಿಗೆ ಕೋಣೆ ಕೊಡಬೇಕೆಂದು 1996ರ ಕಟ್ಟಡ ಕಾರ್ಮಿಕರ ಕಾಯ್ದೆ ಹೇಳಿತ್ತು. ನಮ್ಮದು ಅಂಥದೊಂದು ಕೋಣೆ. ಮಕ್ಕಳಲ್ಲಿ ಅರ್ಧದಷ್ಟು ಕಲಬುರಗಿ, ಯಾದಗಿರಿ, ವಿಜಯಪುರ ಕಡೆಯವರು. ಮರಾಠಿ ಮಕ್ಕಳು ನನ್ನನ್ನು ತಾಈ ಅನ್ನುತ್ತಾರೆ, ಅಂದರೆ ಅಕ್ಕ. ನಮ್ಮ ಕಡೆಯ ಮಕ್ಕಳ ಕಿವಿಗೆ ಅದು ತಾಯಿ ಅಂತಲೇ ಬೀಳುತ್ತದೆ. ನಾನು ತಿದ್ದಲು ಹೋಗುವುದಿಲ್ಲ.

ಮೊದಲ ವಾರ ನಾನು ಮಾಡಿದ್ದೆಲ್ಲ ತಪ್ಪು. ಅಳುವ ಮಗುವನ್ನು ಎತ್ತಿಕೊಳ್ಳಬೇಕು, ಬೆನ್ನು ಸವರಬೇಕು, ಸಮಾಧಾನದ ಮಾತು ಹೇಳಬೇಕು ಅಂತಲೇ ನನಗೆ ಗೊತ್ತಿದ್ದದ್ದು. ಸವರಿದರೆ ತಮ್ಮ ಇನ್ನೂ ಜೋರಾಗಿ ಕಿರುಚಿ ಕೈ ತಳ್ಳುತ್ತಿದ್ದ. ನಾನು ಕನ್ನಡದಲ್ಲಿ, ಸಹಾಯಕಿ ಮರಾಠಿಯಲ್ಲಿ, ವಾಚ್‌ಮನ್ ಹಿಂದಿಯಲ್ಲಿ, ಮೂವರೂ ಒಟ್ಟಿಗೆ ಅವನ ಸುತ್ತ ಮಾತಾಡುತ್ತಿದ್ದೆವು. ಸದ್ದಿಗೇ ಹೆದರಿದ ಮಗುವಿನ ಮೇಲೆ ನಾವು ಇನ್ನಷ್ಟು ಸದ್ದು ಸುರಿಯುತ್ತಿದ್ದೆವು. ಒಂದು ದಿನ ಮೊಬೈಲ್ ಕೊಟ್ಟೆ. ತಕ್ಷಣ ಸುಮ್ಮನಾದ. ಹತ್ತು ನಿಮಿಷದ ಮೇಲೆ ತೆಗೆದುಕೊಂಡಾಗ ಮೊದಲಿಗಿಂತ ದೊಡ್ಡ ಅಳು. ಆಮೇಲೆ ಅದನ್ನು ಮುಟ್ಟಲಿಲ್ಲ.

ಆಗ ನಾನು ಒಂದು ಕೆಲಸ ಮಾಡಿದೆ. ಯಾರಿಗಾದರೂ ನಾನು ಮೊದಲು ಹೇಳುವುದು ಇದನ್ನೇ. ಹಳೆಯ ಹಾಜರಿ ಪುಸ್ತಕದ ಹಿಂದಿನ ಪುಟಗಳಲ್ಲಿ ಅವನು ಅತ್ತ ಹೊತ್ತನ್ನು ಬರೆಯತೊಡಗಿದೆ. ಅಳುವಿನ ಬಗ್ಗೆ ಬರೆಯಲಿಲ್ಲ. ಅದಕ್ಕೆ ಅರ್ಧ ಗಂಟೆ ಮುಂಚೆ ಏನೇನಿತ್ತು ಅಂತ ಬರೆದೆ. ಯಾವ ಸದ್ದು, ಯಾವ ವಾಸನೆ, ಹೊಟ್ಟೆ ತುಂಬಿತ್ತಾ, ನಿದ್ದೆ ಆಗಿತ್ತಾ, ಯಾವ ಅಂಗಿ ಹಾಕಿದ್ದ.

ಹನ್ನೊಂದು ದಿನದಲ್ಲಿ 23 ಸಲ ಅತ್ತಿದ್ದ. ಅದರಲ್ಲಿ 9 ಸಲ ಊಟದ ಹೊತ್ತಿಗೆ. ನನಗೆ ಅರ್ಥವಾಗಲಿಲ್ಲ, ಅವನು ಚೆನ್ನಾಗಿ ಉಣ್ಣುವ ಹುಡುಗ. ಮಾರನೇ ದಿನ ಊಟಕ್ಕೆ ಮುಂಚೆ ಕಣ್ಣು ಮುಚ್ಚಿ ಗೋಡೆಗೆ ಒರಗಿ ಕೂತೆ. ಸಿಮೆಂಟ್ ನೆಲದ ಮೇಲೆ ಮೂವತ್ತು ಸ್ಟೀಲ್ ತಟ್ಟೆ ಒಂದೊಂದಾಗಿ ಬೀಳುವ ಸದ್ದು. ಮೇಲೆ ತಗಡು, ಕೆಳಗೆ ಸಿಮೆಂಟು, ಸದ್ದು ಹೋಗಲು ಜಾಗವೇ ಇಲ್ಲ. ಹದಿಮೂರು ವರ್ಷ ದಿನಾ ಕೇಳಿದ ಸದ್ದನ್ನು ನಾನು ಅವತ್ತೇ ಕೇಳಿಸಿಕೊಂಡೆ.

ಇನ್ನೂ 8 ಸಲ ಅತ್ತಿದ್ದು ಫರಸಿ, ಅಂದರೆ ನೆಲಕ್ಕೆ ಹಾಸುವ ಕಲ್ಲು, ಕೊಯ್ಯುವ ಮಶೀನು ಶುರುವಾದಾಗ. ಮೂರು ಸಲ ಒಂದೇ ಅಂಗಿ, ಕುತ್ತಿಗೆ ಹಿಂದೆ ಗಡುಸು ಲೇಬಲ್ ಇದ್ದದ್ದು. ಉಳಿದವು ಮಳೆ ಜೋರಾಗಿದ್ದ ದಿನಗಳು.

ಲೇಬಲ್ಲು ಒಂದು ಕತ್ತರಿಯ ಕೆಲಸ. ತಟ್ಟೆಗೆ ಮನೆಯಿಂದ ಹಳೆಯ ಜಮಖಾನ ತಂದು ಹಾಸಿದೆ. ತಟ್ಟೆಗಳು ಅದರ ಮೇಲೆ ಮೆತ್ತಗೆ ಕೂತವು. ತಮ್ಮನಿಗೆ ಉಳಿದವರಿಗಿಂತ ಐದು ನಿಮಿಷ ಮುಂಚೆ ಬಡಿಸಿದೆವು, ಮೂಲೆಯಲ್ಲಿ, ಬೆನ್ನು ಗೋಡೆಗೆ ತಾಗುವ ಹಾಗೆ. ಹಿಂದಿನಿಂದ ಯಾರೂ ಬಂದು ತಾಗುವುದಿಲ್ಲ ಅಂತ ಗೊತ್ತಿದ್ದರೆ ಇಂಥ ಮಕ್ಕಳಿಗೆ ಅರ್ಧ ಭಯ ಕಡಿಮೆ.

ಆದರೆ ಮಶೀನಿಗೆ ಜಮಖಾನ ಹಾಸಲಾಗುವುದಿಲ್ಲ, ಅಲ್ವಾ?

ಒಂದು ಬುಧವಾರ ಅವನನ್ನೂ ಅವನ ಅವ್ವನನ್ನೂ ಸರ್ಕಾರಿ ಆಸ್ಪತ್ರೆಗೆ ಕರೆದುಕೊಂಡು ಹೋದೆ. ಮೊದಲು ಕಿವಿ ಪರೀಕ್ಷೆ. ಇದನ್ನು ಯಾರೂ ಬಿಡಬಾರದು. ಕಿವಿ ಸರಿಯಾಗಿತ್ತು. 2013ರಲ್ಲಿ ಶುರುವಾದ ರಾಷ್ಟ್ರೀಯ ಬಾಲ ಸ್ವಾಸ್ಥ್ಯ ಕಾರ್ಯಕ್ರಮದಲ್ಲಿ 18 ವರ್ಷದವರೆಗಿನ ಮಕ್ಕಳನ್ನು ಉಚಿತವಾಗಿ ನೋಡುತ್ತಾರೆ. ಅದರ ಕೆಳಗೆ ಜಿಲ್ಲಾ ಮಟ್ಟದ ಕೇಂದ್ರಗಳಿವೆ. ದಿನಗೂಲಿಯವರಿಗೆ ಈ ಮಾತು ಯಾರಾದರೂ ಹೇಳಬೇಕು, ಅವರಾಗಿಯೇ ಅವರಿಗೆ ತಿಳಿಯುವುದಿಲ್ಲ.

ಅಲ್ಲಿ ಒಬ್ಬ ಆಕ್ಯುಪೇಶನಲ್ ಥೆರಪಿಸ್ಟ್ ಸಿಕ್ಕರು, ದಿನನಿತ್ಯದ ಕೆಲಸ, ಆಟಗಳ ಮೂಲಕವೇ ಚಿಕಿತ್ಸೆ ಕೊಡುವವರು. ಮುಂಬೈಯ ಕೆ.ಇ.ಎಂ. ಆಸ್ಪತ್ರೆಯಲ್ಲಿ ಕಲಿತವರು. ಈ ವಿದ್ಯೆಯ ಶಾಲೆಯನ್ನು ನಮ್ಮ ದೇಶದಲ್ಲಿ ಮೊದಲು ಶುರುಮಾಡಿದ್ದು ಅಲ್ಲೇ, 1950ರಲ್ಲಿ, ಕಮಲಾ ನಿಂಬಕರ್ ಅವರು. ಈ ಮೇಡಂ ನನಗೆ ಇಪ್ಪತ್ತು ನಿಮಿಷ ಕೊಟ್ಟರು. ಅಮೆರಿಕದ ಜೀನ್ ಏರ್ಸ್ ಎನ್ನುವ ಥೆರಪಿಸ್ಟ್ ಕಟ್ಟಿಕೊಟ್ಟ ವಿಚಾರವನ್ನು ಸರಳವಾಗಿ ಹೇಳಿದರು. ಕಣ್ಣು, ಕಿವಿ, ಮೂಗು, ನಾಲಿಗೆ, ಚರ್ಮ ಅಷ್ಟೇ ಅಲ್ಲ. ನಮ್ಮ ಮೂಳೆಯ ಕೀಲು ಮತ್ತು ಸ್ನಾಯುಗಳೂ ಮಿದುಳಿಗೆ ಸುದ್ದಿ ಕಳಿಸುತ್ತವೆ. ಭಾರ ಎತ್ತಿದಾಗ, ತಳ್ಳಿದಾಗ, ಜಗ್ಗಿದಾಗ ಹೋಗುವ ಆ ಸುದ್ದಿ ಮೈಯನ್ನು ತಣ್ಣಗೆ ಮಾಡುತ್ತದೆ. ಹಗುರವಾಗಿ ಸವರಿದರೆ ಸೊಳ್ಳೆ ಕೂತ ಹಾಗೆ ಮೈ ಎಚ್ಚರವಾಗುತ್ತದೆ, ಗಟ್ಟಿಯಾಗಿ ಒತ್ತಿದರೆ ಸಡಿಲವಾಗುತ್ತದೆ. ಅಜ್ಜಿ ನೆತ್ತಿಗೆ ಎಣ್ಣೆ ತಟ್ಟಿ ಒತ್ತಿದಾಗ ನಿದ್ದೆ ಬರುತ್ತಿದ್ದದ್ದು ನೆನಪಾಯಿತು. ನಾನು ಸವರಿದಾಗ ಅವನು ಯಾಕೆ ಕೈ ತಳ್ಳುತ್ತಿದ್ದ ಅನ್ನುವುದೂ ತಿಳಿಯಿತು.

"ಇದು ಆಟಿಸಂ ಇರಬಹುದಾ?" ಎಂದು ಕೇಳಿದೆ. ಮಗು ಮಾತಾಡುವ, ಬೇರೆಯವರೊಡನೆ ಬೆರೆಯುವ ರೀತಿಯೇ ಬೇರೆಯಾಗಿರುವ ಸ್ಥಿತಿ ಅದು. ಸದ್ದಿಗೆ, ಸ್ಪರ್ಶಕ್ಕೆ ಹೆದರುವ ಮಕ್ಕಳೆಲ್ಲ ಆಟಿಸಂ ಮಕ್ಕಳಲ್ಲ, ಇನ್ನೆರಡು ಸಲ ನೋಡಿ ಹೇಳುತ್ತೇನೆ, ಅಲ್ಲಿಯವರೆಗೆ ಕಾಯದೆ ಇವನ್ನೆಲ್ಲ ಶುರುಮಾಡಿ ಎಂದರು.

ನಮ್ಮಲ್ಲಿ ದುಬಾರಿ ಸಾಮಾನು ಏನೂ ಇರಲಿಲ್ಲ. ತಮ್ಮನಿಗೆ ಬೆಳಿಗ್ಗೆ ಬಂದ ಕೂಡಲೇ ಕೆಲಸ ಕೊಟ್ಟೆ. ಸಣ್ಣ ಬಕೆಟ್‌ನಲ್ಲಿ ಅರ್ಧ ನೀರು ತುಂಬಿ ಬಾಗಿಲಿನ ಡ್ರಮ್ಮಿಗೆ ತರುವುದು. ಚಪಾತಿ ಹಿಟ್ಟನ್ನು ಸಹಾಯಕಿಯ ಜೊತೆ ನಾದುವುದು. ಮಕ್ಕಳ ಹಾಸಿಗೆ ಸುರುಳಿಯನ್ನು ಗೋಡೆಯವರೆಗೆ ತಳ್ಳುವುದು. ನೋಡಿದವರು ಮಗುವಿನ ಕೈಲಿ ಕೆಲಸ ಮಾಡಿಸುತ್ತಾಳೆ ಅಂದುಕೊಂಡಾರು. ಅವನಿಗೆ ಅದು ಔಷಧಿ. ಹಿಟ್ಟು ನಾದಿದ ದಿನ ಊಟದವರೆಗೆ ನೆಮ್ಮದಿಯಾಗಿರುತ್ತಿದ್ದ.

ಇನ್ನೊಂದು, ಕೌದಿ. ನಮ್ಮ ಉತ್ತರ ಕರ್ನಾಟಕದವರ ಮನೆಯಲ್ಲಿ ಇದ್ದೇ ಇರುತ್ತದೆ. ಹಳೆಯ ಸೀರೆಗಳನ್ನು ಪದರ ಪದರವಾಗಿ ಇಟ್ಟು ಹೊಲಿದದ್ದು. ಇಲ್ಲಿನವರು ಗೋಧಡಿ ಅನ್ನುತ್ತಾರೆ. ಭಾರದ ಕಂಬಳಿ ಅಂತ ಸಾವಿರಾರು ರೂಪಾಯಿಗೆ ಮಾರುತ್ತಾರಲ್ಲ, ಅದು ಮಾಡುವ ಕೆಲಸವನ್ನು ತಕ್ಕಮಟ್ಟಿಗೆ ನನ್ನ ಅವ್ವ ಹೊಲಿದ ಕೌದಿ ಮಾಡಿತು. ನಾವು ಅದಕ್ಕೆ ಹೋಳಿಗೆ ಆಟ ಅಂತ ಹೆಸರಿಟ್ಟೆವು. ಕೌದಿ ಕಣಕ, ತಮ್ಮ ಹೂರಣ. ಕೌದಿಯ ಮೇಲೆ ಮಲಗಿಸಿ ಉರುಳಿಸಿ ಸುತ್ತುವುದು. ಆಮೇಲೆ ಅಂಗೈಯಿಂದ ಹೆಗಲು, ಬೆನ್ನು, ತೊಡೆಯ ಮೇಲೆ ನಿಧಾನವಾಗಿ, ಗಟ್ಟಿಯಾಗಿ ಒತ್ತುವುದು.

ಈ ಆಟದಲ್ಲಿ ನಾನು ಸ್ವಲ್ಪವೂ ಸಡಿಲ ಬಿಡುವುದಿಲ್ಲ. ಮುಖ, ಕುತ್ತಿಗೆ ಯಾವಾಗಲೂ ಹೊರಗೆ. ಎದೆಯನ್ನು ಒತ್ತುವುದಿಲ್ಲ. ಮಗು ಬೇಕಾದಾಗ ತಾನೇ ಉರುಳಿ ಹೊರಗೆ ಬರುವಷ್ಟು ಸಡಿಲವಾಗಿ ಸುತ್ತಬೇಕು. ಪ್ರತಿ ಸಲ ಕೇಳಿಯೇ ಶುರು. "ಸಾಕು" ಅಂದ ಕ್ಷಣ ನಿಲ್ಲಬೇಕು, ಇನ್ನೊಂದು ಸಲ ಅಂತ ಮುಂದುವರಿಸಬಾರದು. ತೀರಾ ಚಿಕ್ಕ ಮಕ್ಕಳಿಗೆ, ನಿದ್ದೆಯಲ್ಲಿರುವವರಿಗೆ ಇದನ್ನು ಮಾಡಲೇಬಾರದು. ನಮ್ಮ ಸಹಾಯಕಿ ಕಲಿತ ಮೊದಲ ಕನ್ನಡ ಮಾತು "ಸಾಕು". ಎರಡನೆಯದು "ಇಲ್ಲೇ ಅದೀನಿ".

ಆ ಎರಡನೆಯ ಮಾತು ಅಳುವಿನ ಹೊತ್ತಿಗೆ. ಬಿರುಗಾಳಿ ಎದ್ದ ಮೇಲೆ ಮಗುವಿಗೆ ಮಾತು ತಲೆಗೆ ಹೋಗುವುದಿಲ್ಲ. ಅವನಿಗಿಂತ ಕೆಳಗೆ, ನೆಲದ ಮೇಲೆ, ಎದುರಿಗೆ ಕೂರದೆ ಪಕ್ಕಕ್ಕೆ ಕೂರುತ್ತಿದ್ದೆವು. ಒಬ್ಬರೇ. ಉಳಿದ ಮಕ್ಕಳನ್ನು ಇನ್ನೊಬ್ಬರು ಆಚೆ ಕರೆದೊಯ್ಯುತ್ತಿದ್ದರು. "ಇಲ್ಲೇ ಅದೀನಿ ತಮ್ಮಾ" ಅಂತ ಒಂದು ಸಲ, ಸ್ವಲ್ಪ ಹೊತ್ತು ಬಿಟ್ಟು ಇನ್ನೊಂದು ಸಲ. ಅವನ ಮನೆಯ ಮಾತಿನಲ್ಲೇ. ಪುಣೆಯಲ್ಲಿ ಮಗು ಮರಾಠಿ, ಹಿಂದಿ ಕಲಿಯಲಿ, ಬೇಡ ಅನ್ನುವುದಿಲ್ಲ. ಆದರೆ ಹೆದರಿದಾಗ ಅವ್ವನ ಭಾಷೆಯೇ ಬೇಕು.

ಉಸಿರಿನ ಆಟವನ್ನೂ ನಗುವಾಗಲೇ ಕಲಿಸಬೇಕು. ಅಳುವ ಮಗುವಿಗೆ ದೀರ್ಘ ಉಸಿರು ತಗೋ ಅಂದರೆ ಆಗುವುದಿಲ್ಲ. ಸೋಪಿನ ಗುಳ್ಳೆ ಊದಿದೆವು. ಕಾಗದದ ಉಂಡೆಯನ್ನು ನೆಲದ ಮೇಲೆ ಊದಿ ಗೋಡೆಯವರೆಗೆ ಕಳಿಸುವ ಪಂದ್ಯ ಆಡಿದೆವು. ಉಸಿರನ್ನು ಉದ್ದವಾಗಿ ಹೊರಗೆ ಬಿಟ್ಟಾಗ ಎದೆಬಡಿತ ನಿಧಾನವಾಗುತ್ತದೆ, ಗುಟ್ಟು ಅಷ್ಟೇ. ತಿಂಗಳ ಮೇಲೆ ತಮ್ಮ, ಅಳು ಮುಗಿಯುವ ಹೊತ್ತಿಗೆ ತಾನೇ ತುಟಿ ಮುಂದೆ ಮಾಡಿ ಊದತೊಡಗಿದ.

ಸೀರೆಯ ಜೋಕಾಲಿಯಲ್ಲಿ ಒಮ್ಮೆ ಎಡವಿದೆ. ಮಕ್ಕಳು ಅದನ್ನು ತಿರುವಿ ತಿರುವಿ ಬಿಟ್ಟರು, ನಾನು ತಡೆಯಲಿಲ್ಲ. ತಮ್ಮ ವಾಂತಿ ಮಾಡಿಕೊಂಡು ಸಂಜೆವರೆಗೆ ಒದ್ದಾಡಿದ. ಹಿಂದೆ ಮುಂದೆ, ಒಂದೇ ಲಯದಲ್ಲಿ, ನಿಧಾನವಾಗಿ ತೂಗಿದರೆ ಶಾಂತಿ. ಗಿರಗಿರ ತಿರುಗಿಸಿದರೆ ಕೆಲವು ಮಕ್ಕಳಿಗೆ ಅದು ಹಿಂಸೆ.

ಈಗ ಮಶೀನಿನ ಮಾತು.

ಕೆಲಸ ನಿಲ್ಲಿಸಿ ಅಂತ ನಾನು ಹೇಳಲಾರೆ. ಫರಸಿ ಕೊಯ್ಯುತ್ತಿದ್ದವರು ರಾಜಸ್ಥಾನದ ಒಬ್ಬ ಹಿರಿಯ ಕೆಲಸಗಾರ. ಚಹಾ ಹೊತ್ತಿಗೆ ಹೋಗಿ, "ಭಾಯಿ, ಶುರುಮಾಡುವ ಮೊದಲು ನಮಗೆ ಒಂದು ಸೂಚನೆ ಕೊಡ್ತೀರಾ?" ಎಂದು ಹಿಂದಿಯಲ್ಲಿ ಕೇಳಿದೆ. ಅವರು ಯಾಕೆ ಅಂತ ಕೇಳಿದರು, ಹೇಳಿದೆ. ನನ್ನ ಮೊಮ್ಮಗನೂ ಹೀಗೇ, ಮದುವೆಯ ಬ್ಯಾಂಡ್ ಬಂದರೆ ಮಂಚದ ಕೆಳಗೆ ಹೋಗುತ್ತಾನೆ ಅಂದರು.

ಮಾರನೇ ದಿನದಿಂದ ಮಶೀನು ಶುರುವಾಗುವ ಮೊದಲು ಅವರು ಕೈ ಎತ್ತಿ ಐದು ಬೆರಳು ತೋರಿಸುತ್ತಿದ್ದರು. ಕಿಟಕಿಯಲ್ಲಿ ನಾನೂ ತಮ್ಮನೂ ಐದು ಬೆರಳು ತೋರಿಸುತ್ತಿದ್ದೆವು. ಒಂದೊಂದೇ ಬೆರಳು ಮಡಚುವುದು. ಕೊನೆಯ ಬೆರಳು ಮಡಚಿದ ಮೇಲೆ ತಮ್ಮ ಕಿವಿ ಮುಚ್ಚಿಕೊಳ್ಳುತ್ತಿದ್ದ, ಆಮೇಲೆ ಮಶೀನು. ಮೊದಲ ಮೂರು ದಿನ ಆದರೂ ಅತ್ತ. ನಾಲ್ಕನೇ ದಿನ ಮುಖ ಗಂಟಿಕ್ಕಿಕೊಂಡು ನಿಂತ, ಅಳಲಿಲ್ಲ. ಎರಡನೇ ವಾರದಲ್ಲಿ ಅವನೇ ಮೊದಲು ಬೆರಳು ತೋರಿಸಿದ. ಆ ಹಿರಿಯರು ಮಶೀನಿನ ಮೇಲೆ ಕೈ ಇಟ್ಟು, ಇವನ ಹೆಬ್ಬೆರಳು ಮಡಚುವವರೆಗೆ ಕಾದರು. ಅವತ್ತು ನನ್ನ ಕಣ್ಣು ತುಂಬಿತು. ಸದ್ದು ಅಷ್ಟೇ ಇತ್ತು, ಚೂರೂ ಕಡಿಮೆಯಾಗಿರಲಿಲ್ಲ. ಆದರೆ ಅದು ಈಗ ಅವನನ್ನು ಕೇಳಿ ಬರುತ್ತಿತ್ತು.

ಕಿವಿಗೆ ಹಾಕುವ ಇಯರ್ ಮಫ್ ಕೂಡ ತಂದೆವು, ಮಕ್ಕಳ ಅಳತೆಯದು. ಮಶೀನು, ಜೋರು ಮಳೆ ಇದ್ದಾಗ ಮಾತ್ರ. ದಿನವಿಡೀ ಹಾಕಿದರೆ ಸಣ್ಣ ಸದ್ದೂ ದೊಡ್ಡದಾಗಿ ಕೇಳುವ ಅಭ್ಯಾಸ ಆಗುತ್ತದೆ ಎಂದು ಥೆರಪಿಸ್ಟ್ ಮೇಡಂ ಎಚ್ಚರಿಸಿದ್ದರು.

ಗಣಪತಿ ಹಬ್ಬದ ಹೊತ್ತಿಗೆ ಪುಣೆಯಲ್ಲಿ ಢೋಲ್ ತಾಶಾ, ಅಂದರೆ ಡೋಲು ನಗಾರಿಗಳ ಅಬ್ಬರದ ಮೇಳ. ಹಬ್ಬಕ್ಕೆ ವಾರಗಳ ಮುಂಚೆಯೇ ಸಂಜೆ ತಾಲೀಮು ಶುರು. ಸರಿಯಾಗಿ ಮಕ್ಕಳು ಮನೆಗೆ ಹೋಗುವ ಹೊತ್ತು. ನನ್ನ ಫೋನಿನಲ್ಲಿ ಆ ಸದ್ದನ್ನು ತುಂಬ ಸಣ್ಣಗೆ ಇಟ್ಟು ಆಟದ ನಡುವೆ ಕೇಳಿಸಿದೆ, ದಿನಕ್ಕೆ ಒಂದು ನಿಮಿಷ. ಖಾಲಿ ಡಬ್ಬ ಕೊಟ್ಟು ಅವನೇ ಬಾರಿಸುವ ಹಾಗೆ ಮಾಡಿದೆ. ಹಬ್ಬದ ದಿನ ಮೆರವಣಿಗೆ ಹತ್ತಿರ ಕರೆದೊಯ್ಯಬೇಡಿ ಅಂತ ಅವನ ಅವ್ವನಿಗೆ ಹೇಳಿದೆ. ಅಪ್ಪ ಕೇಳಲಿಲ್ಲ, ಹೆಗಲ ಮೇಲೆ ಕೂರಿಸಿಕೊಂಡು ಹೋದ. ಢೋಲು ಒಮ್ಮೆಲೇ ಎದ್ದಾಗ ತಮ್ಮ, ಅಪ್ಪನ ಕೂದಲು ಕಿತ್ತು ಕಿರುಚಿದ, ಎರಡು ದಿನ ಮಾತಾಡಲಿಲ್ಲ. ಎಲ್ಲ ಸದ್ದನ್ನೂ ಗೆಲ್ಲಬೇಕಾಗಿಲ್ಲ ಅಂತ ನಾನು ಅಪ್ಪನಿಗೆ ಹೇಳಿದೆ. ಆತ ತಲೆ ತಗ್ಗಿಸಿ ಕೇಳಿದ. ಮುಂದಿನ ವಾರ ಸಂಜೆ ಬಂದು ಹೋಳಿಗೆ ಆಟ ಹೇಗೆ ಆಡಿಸುವುದು ಅಂತ ತೋರಿಸಿಕೊಂಡ.

ಮೂರು ಸಲ ನೋಡಿದ ಮೇಲೆ ಮೇಡಂ ಆಟಿಸಂ ಲಕ್ಷಣ ಕಾಣಲಿಲ್ಲ, ಆರು ತಿಂಗಳಿಗೊಮ್ಮೆ ತೋರಿಸುತ್ತಿರಿ ಎಂದರು.

ಜನವರಿಯಲ್ಲಿ ನಮ್ಮ ಸೈಟಿನ ಕೆಲಸ ಮುಗಿಯಿತು. ಅವರು ವಾಘೋಲಿ ಕಡೆ ಇನ್ನೊಂದು ಸೈಟಿಗೆ ಹೊರಟರು. ಅಲ್ಲಿನ ಪಾಳಣಾಘರದವರಿಗೆ ಕೊಡಲು ನಾನು ಒಂದು ಕಾಗದ ಬರೆದೆ, ಮರಾಠಿಯಲ್ಲಿ, ಹಿಂದಿಯಲ್ಲಿ. ತಟ್ಟೆ ಮೆತ್ತಗಿನ ಜಾಗದಲ್ಲಿ ಇಡಿ. ಸದ್ದಿಗೆ ಮುಂಚೆ ಐದು ಬೆರಳು ತೋರಿಸಿ. ಸವರಬೇಡಿ, ಕೇಳಿ ಗಟ್ಟಿಯಾಗಿ ಒತ್ತಿ. ಸಾಕು ಅಂದರೆ ನಿಲ್ಲಿಸಿ. ಅವ್ವನಿಗೆ ಓದಿ ಹೇಳಿದೆ. ಅವಳು ತಲೆಯ ಮೇಲಿನ ಗಂಟು ಇಳಿಸಿ, ಸ್ವಲ್ಪ ಹೊತ್ತು ಸುಮ್ಮನೆ ನಿಂತು, "ಇನ್ನೊಂದು ಬರೀರಿ ಅಕ್ಕಾರ. ಇವ ಹಠಮಾರಿ ಅಲ್ಲ ಅಂತ ಬರೀರಿ" ಅಂದಳು.

ಕೆಳಗೆ ಜಾಗ ಉಳಿದಿರಲಿಲ್ಲ. ಕಾಗದದ ತಲೆಗೆ, ಎಲ್ಲಕ್ಕಿಂತ ಮೇಲೆ ಬರೆದುಕೊಟ್ಟೆ.