ನಮ್ಮ ಡೈನಿಂಗ್ ಟೇಬಲ್‌ಗೆ ಬರುವ ಹಡಗುಗಳು

ಬೆಳಿಗ್ಗೆ ಆರೂವರೆ. ಎಚ್‌ಎಸ್‌ಆರ್ ಲೇಔಟ್‌ನ ನಮ್ಮ ಮನೆಯಲ್ಲಿ ಅಪ್ಪ ಕಾಫಿ ಲೋಟ ಹಿಡಿದು ಟ್ಯಾಬ್ ಮುಂದೆ ಕೂತಿರುತ್ತಾರೆ. ಪರದೆಯಲ್ಲಿ ಅಮೆರಿಕದ ಡುಲೂತ್ ಊರಿನ ಲೈವ್ ಕ್ಯಾಮೆರಾ. ಅಲ್ಲಿ ಇನ್ನೂ ಹಿಂದಿನ ದಿನದ ರಾತ್ರಿ ಎಂಟು ಗಂಟೆ. ಆದರೆ ಜೂನ್ ತಿಂಗಳಲ್ಲಿ ಆ ಹೊತ್ತಿಗೂ ಬೆಳಕು ಇರುತ್ತದೆ. ಕಬ್ಬಿಣದ ಸೇತುವೆಯ ನಡುಭಾಗ ಹಾಗೇ ಮೇಲಕ್ಕೆ ಏರುತ್ತದೆ. ಅದರ ಅಡಿಯಿಂದ ಒಂದು ಹಡಗು ನಿಧಾನಕ್ಕೆ ಒಳಗೆ ಬರುತ್ತದೆ. ಕಾಲುವೆಯ ಅಗಲ 300 ಅಡಿ ಅಷ್ಟೇ. ದಡದಲ್ಲಿ ನಿಂತ ಮಕ್ಕಳು ಕೈ ಬೀಸುತ್ತಾರೆ. ಹಡಗು ಮೂರು ಸಲ ಉದ್ದಕ್ಕೆ, ಎರಡು ಸಲ ಚಿಕ್ಕದಾಗಿ ಹಾರ್ನ್ ಮಾಡುತ್ತದೆ. ಅದು ಕ್ಯಾಪ್ಟನ್ ಮಾಡುವ ನಮಸ್ಕಾರ. ಸೇತುವೆಯೂ ಹಾರ್ನ್ ಮಾಡಿ ಉತ್ತರ ಕೊಡುತ್ತದೆ.

2020ರ ಜೂನ್‌ನಿಂದ ನಾನು ಹೀಗೆ ಹಡಗು ನೋಡುತ್ತಿದ್ದೇನೆ. ಡುಲೂತ್‌ಗೆ ಹೋಗಿಲ್ಲ. ಆ ಊರಿರುವ ದಡದ ಸುಪೀರಿಯರ್ ಸರೋವರವನ್ನು, ಅಂದರೆ ಅಮೆರಿಕ-ಕೆನಡಾ ಭಾಗದ ಐದು ಮಹಾ ಸರೋವರಗಳ ಸಾಲಿನಲ್ಲಿ ಎಲ್ಲಕ್ಕಿಂತ ಮೇಲಿನದನ್ನು, ಕಣ್ಣಾರೆ ಕಂಡಿಲ್ಲ. ಬೆಂಗಳೂರಲ್ಲಿ ಕೂತೇ ಎಷ್ಟು ಕಲಿಯಬಹುದು, ನಾನು ಹೇಗೆ ಕಲಿತೆ ಅನ್ನುವುದನ್ನು ಬರೆಯುತ್ತೇನೆ.

ಶುರುವಾಗಿದ್ದು ಅಪ್ಪನಿಂದ. ಅವರು ಕುದುರೆಮುಖ ಕಂಪನಿಯಲ್ಲಿ, ಪಣಂಬೂರಿನ ಪೆಲೆಟ್ ಘಟಕದಲ್ಲಿ ಕೆಲಸಕ್ಕಿದ್ದವರು. ಕುದುರೆಮುಖದ ಬೆಟ್ಟದಲ್ಲಿ ಅಗೆದ ಕಬ್ಬಿಣದ ಅದಿರನ್ನು ಪುಡಿ ಮಾಡಿ, ನೀರಿನಲ್ಲಿ ಕಲಸಿ, 67 ಕಿಲೋಮೀಟರ್ ಪೈಪಿನಲ್ಲಿ ಮಂಗಳೂರಿಗೆ ಹರಿಸುತ್ತಿದ್ದರು. ಅಲ್ಲಿ ಅದನ್ನು ಗೋಲಿಯಂಥ ಉಂಡೆ ಕಟ್ಟಿ ಸುಡುತ್ತಿದ್ದರು. 2005ರ ಡಿಸೆಂಬರ್ 31ಕ್ಕೆ ಗಣಿ ನಿಂತಿತು. ನಮ್ಮ ಶೋಕೇಸಿನಲ್ಲಿ ಹಾರ್ಲಿಕ್ಸ್ ಬಾಟಲಿಯೊಂದರಲ್ಲಿ ಆ ಉಂಡೆಗಳು ಈಗಲೂ ಇವೆ. ಲಾಕ್‌ಡೌನ್ ಹೊತ್ತಿನಲ್ಲಿ ನಾನು ಸುಮ್ನೆ ಏನೋ ನೋಡುತ್ತಿದ್ದಾಗ ಒಂದು ಹಡಗಿಗೆ ಕಂದು ಬಣ್ಣದ ಗೋಲಿಗಳನ್ನು ಸುರಿಯುವ ವಿಡಿಯೋ ಬಂತು. ಹಿಂದಿನಿಂದ ಅಪ್ಪ, “ಅದು ಪೆಲೆಟ್ ಮಾರಾಯ್ತಿ! ನಮ್ಮದರ ಹಾಗೇ ಉಂಟು ನೋಡು” ಎಂದರು. ಅವರ ದನಿ ಅಷ್ಟು ಹುರುಪಿನಲ್ಲಿ ಕೇಳಿ ಎಷ್ಟೋ ತಿಂಗಳಾಗಿತ್ತು.

ಅಪ್ಪ ಹೇಳಿದ್ದು ಸರಿಯೇ. ಮಿನೆಸೋಟಾದ ಮೆಸಾಬಿ ಬೆಟ್ಟಸಾಲಿನಲ್ಲಿ ಟ್ಯಾಕನೈಟ್ ಎಂಬ ಕಲ್ಲು ಸಿಗುತ್ತದೆ. ಅದರಲ್ಲೂ ಕುದುರೆಮುಖದಂತೆ ಮ್ಯಾಗ್ನೆಟೈಟ್ ಎಂಬ ಕಬ್ಬಿಣದ ಖನಿಜ ಇದೆ, ಕಬ್ಬಿಣದ ಅಂಶ ಕಡಿಮೆ. ಅಲ್ಲೂ ಪುಡಿ ಮಾಡಿ, ಅಯಸ್ಕಾಂತದಿಂದ ಕಬ್ಬಿಣ ಬೇರೆ ಮಾಡಿ, ಉಂಡೆ ಕಟ್ಟಿ ಸುಡುತ್ತಾರೆ. ಆ ಉಂಡೆಗಳು ರೈಲಿನಲ್ಲಿ ಡುಲೂತ್, ಸುಪೀರಿಯರ್, ಟೂ ಹಾರ್ಬರ್ಸ್ ಬಂದರುಗಳಿಗೆ ಬರುತ್ತವೆ. ಅಲ್ಲಿಂದ ಹಡಗಿನಲ್ಲಿ ಕೆಳಗಿನ ಸರೋವರಗಳ ಉಕ್ಕಿನ ಕಾರ್ಖಾನೆಗಳಿಗೆ ಹೋಗುತ್ತವೆ.

ಮೊದಲ ತಿಂಗಳು ನಾನು ಕಂಡ ಕಂಡ ಹಡಗನ್ನೆಲ್ಲ ನೋಡಿದೆ. ಏನೂ ತಲೆಯಲ್ಲಿ ನಿಲ್ಲಲಿಲ್ಲ. ಆಮೇಲೆ ಒಂದೇ ಹಡಗು ಹಿಡಿದೆ: ಪಾಲ್ ಆರ್. ಟ್ರೆಗುರ್ತಾ. 1981ರಲ್ಲಿ ನೀರಿಗಿಳಿದದ್ದು. ಉದ್ದ 1,013 ಅಡಿ 6 ಅಂಗುಲ. ಆ ಸರೋವರಗಳಲ್ಲಿ ಓಡುವ ಹಡಗುಗಳಲ್ಲೇ ಉದ್ದವಾದದ್ದು. ನಮ್ಮ ವಿಧಾನಸೌಧದ ಉದ್ದ 700 ಅಡಿ ಎಂದು ನೆನಪಿಟ್ಟುಕೊಂಡರೆ ಅಂದಾಜು ಸಿಗುತ್ತದೆ. ಇಂಥ ಸಾವಿರ ಅಡಿಯ ಹಡಗಿಗೆ ಸುಮಾರು 60,000 ಟನ್ ತುಂಬಬಹುದು. ಅಂದರೆ 20 ಟನ್ ಹೊರುವ 3,000 ಲಾರಿಗಳ ಲೋಡು.

ಹಡಗು ಈಗ ಎಲ್ಲಿದೆ ಎಂದು ತಿಳಿಯಲು ಫೋನಿನಲ್ಲಿ ನಕ್ಷೆಗಳಿವೆ. ಪ್ರತಿ ದೊಡ್ಡ ಹಡಗಿನಲ್ಲೂ ಎಐಎಸ್ ಎಂಬ ಸಾಧನ ಇರುತ್ತದೆ. ತಾನು ಯಾರು, ಎಲ್ಲಿದ್ದೇನೆ, ಯಾವ ದಿಕ್ಕಿಗೆ ಎಷ್ಟು ವೇಗದಲ್ಲಿ ಹೋಗುತ್ತಿದ್ದೇನೆ ಎಂದು ಅದು ರೇಡಿಯೋದಲ್ಲಿ ಹೇಳುತ್ತಲೇ ಇರುತ್ತದೆ. ಚಲಿಸುವ ಹಡಗಾದರೆ ಕೆಲವೇ ಸೆಕೆಂಡಿಗೊಮ್ಮೆ. ಒಂಬತ್ತು ಅಂಕಿಯ ಗುರುತಿನ ಸಂಖ್ಯೆಯಲ್ಲಿ ಮೊದಲ ಮೂರು ಅಂಕಿ ದೇಶದ್ದು. 316 ಕೆನಡಾ. 366ರಿಂದ 369 ಅಮೆರಿಕ. ನಮ್ಮ ದೇಶದ್ದು 419.

ಒಂದು ಭಾನುವಾರ ನಕ್ಷೆಯಲ್ಲಿ ಟ್ರೆಗುರ್ತಾ 6:40ಕ್ಕೆ ಡುಲೂತ್ ಸೇರುತ್ತದೆ ಎಂದಿತ್ತು. ಮಗನನ್ನೂ ಎಬ್ಬಿಸಿದೆ. ಎಂಟಾದರೂ ಹಡಗಿಲ್ಲ. ಅದು ಬಂದರಿನ ಹೊರಗೆ ಲಂಗರು ಹಾಕಿ ನಿಂತಿತ್ತು. ಲೋಡು ತುಂಬುವ ಧಕ್ಕೆಯಲ್ಲಿ ಬೇರೆ ಹಡಗು ಇತ್ತು, ಅದು ಹೊರಡಬೇಕಿತ್ತು. ಆಗ ಗೊತ್ತಾಯಿತು: ಹಡಗಿನ ಜಾಗ ಮತ್ತು ವೇಗವನ್ನು ಯಂತ್ರವೇ ಹೇಳುತ್ತದೆ. ಹೋಗುವ ಊರು, ಸೇರುವ ಹೊತ್ತು ಇವನ್ನು ಮಾತ್ರ ಹಡಗಿನಲ್ಲಿರುವವರು ಕೈಯಲ್ಲಿ ಟೈಪ್ ಮಾಡುತ್ತಾರೆ. ಅಂದಿನಿಂದ ನಾನು ಮೊದಲು ಧಕ್ಕೆಯಲ್ಲಿ ಯಾರಿದ್ದಾರೆ ಎಂದು ನೋಡುತ್ತೇನೆ, ಆಮೇಲೆ ಅಲಾರಂ ಇಡುತ್ತೇನೆ.

ಖಾಲಿಯೋ ಲೋಡೋ ಎಂದು ತಿಳಿಯುವುದನ್ನೂ ಹೀಗೇ ನೋಡಿ ನೋಡಿ ಕಲಿತೆ. ಹಡಗಿನ ಮುಂದೆ, ಹಿಂದೆ ಪಕ್ಕದಲ್ಲಿ ಅಂಕಿಗಳನ್ನು ಬರೆದಿರುತ್ತಾರೆ. ನೀರು ಯಾವ ಅಂಕಿ ಮುಟ್ಟಿದೆಯೋ ಅಷ್ಟು ಅಡಿ ಹಡಗು ಮುಳುಗಿದೆ ಎಂದರ್ಥ. ಲೋಡು ಇಲ್ಲದಿದ್ದರೆ ಮೈ ಎತ್ತರಕ್ಕೆ ಎದ್ದು ಕಾಣುತ್ತದೆ. ತುಂಬಿದ್ದರೆ ನೀರಿಗೆ ಅಪ್ಪಿಕೊಂಡ ಹಾಗೆ ಇರುತ್ತದೆ.

ಇಳಿಸುವ ಕೆಲಸವನ್ನು ಅರ್ಥ ಮಾಡಿಸಿದ್ದು ಅಪ್ಪ. ಈ ಹಡಗುಗಳಿಗೆ ದಡದಲ್ಲಿ ಕ್ರೇನ್ ಬೇಡ. ಒಳಗಿನ ತಳ ಹಾಪರ್‌ನಂತೆ ಇಳಿಜಾರು. ತಳದ ಗೇಟು ತೆರೆದರೆ ಅದಿರು ಕೆಳಗಿನ ಕನ್ವೇಯರ್ ಬೆಲ್ಟಿಗೆ ಬೀಳುತ್ತದೆ. ಬೆಲ್ಟು ಅದನ್ನು ಮೇಲಕ್ಕೆ ಒಯ್ದು, ಸುಮಾರು 250 ಅಡಿ ಉದ್ದದ ತೋಳಿನ ಮೇಲಿಂದ ದಡದಲ್ಲಿ ರಾಶಿ ಹಾಕುತ್ತದೆ. ಅರ್ಧ ದಿನದೊಳಗೆ ಇಡೀ ಹಡಗು ಖಾಲಿ. ಗೇಟಿನ ಬಾಯಲ್ಲಿ ಅದಿರು ಕಟ್ಟಿಕೊಂಡರೆ ಏನು ಮಾಡಬೇಕು, ಬೆಲ್ಟು ಒಂದು ಬದಿಗೆ ಸರಿದರೆ ಏನಾಗುತ್ತದೆ, ಎಲ್ಲ ಅಪ್ಪ ಪೇಪರಿನಲ್ಲಿ ಬರೆದು ತೋರಿಸಿದರು. ಅವರ ಕೆಲಸ ಏನು ಅಂತ ನನಗೆ ಸರಿಯಾಗಿ ತಿಳಿದದ್ದು ಆ ದಿನವೇ.

ಇನ್ನು ನೀರಿನ ವಿಷಯ. ಐದು ಸರೋವರಗಳ ಹೆಸರು ಬಾಯಿಪಾಠ ಮಾಡಿದ್ದೆ, ಆದರೆ ಹಡಗು ಒಂದರಿಂದ ಇನ್ನೊಂದಕ್ಕೆ ಹೇಗೆ ಇಳಿಯುತ್ತದೆ ಎಂಬುದು ಹಿಡಿತಕ್ಕೆ ಸಿಕ್ಕಿರಲಿಲ್ಲ. ಒಂದು ದಿನ ಅಗರ ಕೆರೆಯ ಏರಿ ಮೇಲೆ ನಡೆಯುವಾಗ ಹೊಳೆಯಿತು. ನಮ್ಮ ಕೆರೆಗಳೂ ಸರಪಳಿಯೇ ಅಲ್ವಾ? ಅಗರ ತುಂಬಿ ಕೋಡಿ ಬಿದ್ದರೆ ನೀರು ಬೆಳ್ಳಂದೂರಿಗೆ. ಬೆಳ್ಳಂದೂರಿನಿಂದ ವರ್ತೂರಿಗೆ. ವರ್ತೂರಿನಿಂದ ದಕ್ಷಿಣ ಪಿನಾಕಿನಿಗೆ, ಕೊನೆಗೆ ಬಂಗಾಳ ಕೊಲ್ಲಿಗೆ. ಅಲ್ಲಿಯೂ ಅಷ್ಟೇ. ಸುಪೀರಿಯರ್ ಸಮುದ್ರ ಮಟ್ಟಕ್ಕಿಂತ 183 ಮೀಟರ್ ಎತ್ತರದಲ್ಲಿದೆ. ಮಿಶಿಗನ್ ಮತ್ತು ಹ್ಯೂರಾನ್ 176 ಮೀಟರ್. ಈರಿ 174. ಒಂಟಾರಿಯೋ ಸುಮಾರು 75. ಅಲ್ಲಿಂದ ಸೇಂಟ್ ಲಾರೆನ್ಸ್ ನದಿ ಹಿಡಿದು ಅಟ್ಲಾಂಟಿಕ್ ಸಾಗರ. ಈರಿ ಸರೋವರದ ಕೋಡಿಯೇ ನಯಾಗರ ಜಲಪಾತ! ಮನೆಗೆ ಬಂದು ಹಳೆಯ ಕ್ಯಾಲೆಂಡರಿನ ಹಿಂಬದಿಯಲ್ಲಿ ಎರಡೂ ಸರಪಳಿ ಅಕ್ಕಪಕ್ಕ ಬರೆದೆ. ಆ ಹಾಳೆ ಈಗಲೂ ಫ್ರಿಜ್ ಮೇಲಿದೆ. ಗಾತ್ರದಲ್ಲಿ ಮಾತ್ರ ಹೋಲಿಕೆಯೇ ಇಲ್ಲ. ಐದೂ ಸೇರಿ ಸುಮಾರು 2,44,000 ಚದರ ಕಿಲೋಮೀಟರ್. ಇಡೀ ಕರ್ನಾಟಕವೇ 1,91,791.

ನೀರಾದರೆ ಕೋಡಿಯಲ್ಲಿ ಧುಮುಕಬಹುದು, ಹಡಗು ಧುಮುಕಲು ಆಗುವುದಿಲ್ಲ. ಅದಕ್ಕೇ ಲಾಕ್ ಬೇಕು. ಲಾಕ್ ಅಂದರೆ ಎರಡು ಕಡೆ ದೊಡ್ಡ ಬಾಗಿಲು ಇರುವ ಉದ್ದನೆಯ ತೊಟ್ಟಿ. ಹಡಗು ಒಳಗೆ ಬಂದ ಮೇಲೆ ಬಾಗಿಲು ಮುಚ್ಚುತ್ತಾರೆ. ಇಳಿಯಬೇಕಾದರೆ ತೂಬು ತೆಗೆದ ಹಾಗೆ ಕೆಳಗಿನ ಕವಾಟ ತೆಗೆಯುತ್ತಾರೆ, ನೀರಿನ ಜೊತೆ ಹಡಗೂ ಇಳಿಯುತ್ತದೆ. ಏರಬೇಕಾದರೆ ಮೇಲಿನ ನೀರನ್ನು ಒಳಗೆ ಬಿಡುತ್ತಾರೆ. ಪಂಪು ಇಲ್ಲ. ಎಲ್ಲ ನೀರಿನ ಸ್ವಂತ ಹರಿವಿನಿಂದಲೇ. ಸುಪೀರಿಯರ್‌ನಿಂದ ಇಳಿಯಲು ಸೂ ಎಂಬಲ್ಲಿ 21 ಅಡಿಯ ಒಂದೇ ಮೆಟ್ಟಿಲು. ಅಲ್ಲಿನ ಪೋ ಲಾಕ್ 110 ಅಡಿ ಅಗಲ, ಟ್ರೆಗುರ್ತಾ 105 ಅಡಿ. ಒಂದೊಂದು ಬದಿಗೆ ಎರಡೂವರೆ ಅಡಿ ಮಾತ್ರ ಉಳಿಯುತ್ತದೆ. ನಯಾಗರ ತಪ್ಪಿಸಿ ಹೋಗುವ ವೆಲ್ಯಾಂಡ್ ಕಾಲುವೆಯಲ್ಲಿ ಎಂಟು ಲಾಕ್‌ಗಳಿವೆ. ಎಲ್ಲ ಸೇರಿ ಸುಮಾರು 100 ಮೀಟರ್ ಏರಿಳಿತ. ಅಲ್ಲಿ 740 ಅಡಿಗಿಂತ ಉದ್ದದ ಹಡಗು ಹಿಡಿಸುವುದಿಲ್ಲ. ಆದ್ದರಿಂದ ಸಾವಿರ ಅಡಿಯವು ಮೇಲಿನ ನಾಲ್ಕು ಸರೋವರದಲ್ಲೇ ಇರಬೇಕು. ಜೀವನಪೂರ್ತಿ ಸಮುದ್ರ ಕಾಣುವುದಿಲ್ಲ. ಅದಕ್ಕೇ ಇಂಥ ಹಡಗುಗಳಲ್ಲಿ ಮೊದಲನೆಯದಾದ ಸ್ಟುವರ್ಟ್ ಜೆ. ಕಾರ್ಟ್‌ನ ಮೂತಿ ಮತ್ತು ಬಾಲವನ್ನಷ್ಟೇ ಮಿಸಿಸಿಪಿ ರಾಜ್ಯದಲ್ಲಿ ಕಟ್ಟಿದರು. ಎರಡನ್ನೂ ಜೋಡಿಸಿ ಸಮುದ್ರದಿಂದ ಕಾಲುವೆ ಹತ್ತಿಸಿ ಈರಿ ಊರಿಗೆ ತಂದರು. ಅಲ್ಲಿ ಮತ್ತೆ ಕತ್ತರಿಸಿ ನಡುವಿನ ಉದ್ದನೆಯ ಹೊಟ್ಟೆ ಸೇರಿಸಿದರು. ಅದು 1972ರಲ್ಲಿ ಓಡಾಟ ಶುರು ಮಾಡಿತು.

ಅಲ್ಲಿಯವರು ಸಾವಿರ ಅಡಿಯದ್ದನ್ನೂ ಬೋಟ್ ಎಂದೇ ಕರೆಯುತ್ತಾರೆ. ಸರೋವರದಲ್ಲೇ ಇರುವುದು ಲೇಕರ್. ಸಮುದ್ರದಿಂದ ಬಂದದ್ದು ಸಾಲ್ಟಿ, ಉಪ್ಪುನೀರಿನದು. ಸಮುದ್ರದ ಹಡಗನ್ನು ಇಪ್ಪತ್ತೈದು-ಮೂವತ್ತು ವರ್ಷಕ್ಕೆ ಒಡೆದು ಗುಜರಿಗೆ ಹಾಕುತ್ತಾರೆ. ಸಿಹಿನೀರಿನಲ್ಲಿ ಉಪ್ಪು ತಿನ್ನುವುದಿಲ್ಲವಾದ್ದರಿಂದ ಲೇಕರ್‌ಗಳಿಗೆ ಆಯಸ್ಸು ಜಾಸ್ತಿ. 2021ರ ಬೇಸಿಗೆಯಲ್ಲಿ ಆರ್ಥರ್ ಎಂ. ಆ್ಯಂಡರ್ಸನ್ ಬಂದಾಗ ನಾನು ಎದ್ದು ನಿಂತೆ. 1952ರ ಹಡಗು ಅದು. ಹಳೇ ಲೇಕರ್‌ಗಳ ರೂಪವೇ ಬೇರೆ. ಚುಕ್ಕಾಣಿಯ ಕೋಣೆ ಮೂತಿಯ ಮೇಲೆ, ಎಂಜಿನ್ ಬಾಲದಲ್ಲಿ, ನಡುವೆ ಬರೀ ಉದ್ದನೆಯ ಡೆಕ್ಕು.

ಆ್ಯಂಡರ್ಸನ್‌ಗೆ ಎದ್ದು ನಿಲ್ಲಲು ಇನ್ನೊಂದು ಕಾರಣ ಇದೆ. ಅದನ್ನು ತಿಳಿದದ್ದು 2020ರ ನವೆಂಬರಿನಲ್ಲಿ. ಆ ಹೊತ್ತಿಗೆ ಅಲ್ಲಿ ಸಂಜೆ ನಾಲ್ಕೂವರೆಗೇ ಕತ್ತಲೆ. ಹಾಗಾಗಿ ನಾವು ನೋಡುವ ಹೊತ್ತನ್ನು ರಾತ್ರಿ ಊಟದ ನಂತರಕ್ಕೆ ಬದಲಿಸಿದ್ದೆವು, ಆಗ ಅಲ್ಲಿ ಬೆಳಿಗ್ಗೆ. ಒಂದು ಹಡಗು ಲೋಡು ತುಂಬಿ ಹೊರಟಿತು. ಗಾಳಿ ಜೋರಾಗಿತ್ತು. ಮರುದಿನ ಬೆಳಿಗ್ಗೆ ನಕ್ಷೆ ತೆರೆದರೆ ಹಡಗೇ ಇಲ್ಲ. ಮಧ್ಯಾಹ್ನವೂ ಇಲ್ಲ. ಅಪ್ಪ ಅಂದು ಸರಿಯಾಗಿ ಊಟ ಮಾಡಲಿಲ್ಲ. ಹಿಂದಿನ ವಾರವಷ್ಟೇ ಅವರು ಎಡ್ಮಂಡ್ ಫಿಟ್ಜ್‌ಜೆರಾಲ್ಡ್ ಬಗ್ಗೆ ಓದಿದ್ದರು.

729 ಅಡಿಯ ಆ ಹಡಗು 1975ರ ನವೆಂಬರ್ 10ರ ರಾತ್ರಿ ಸುಪೀರಿಯರ್‌ನಲ್ಲಿ ಮುಳುಗಿತು. ಅದರಲ್ಲಿ ಇದ್ದದ್ದು ಸುಮಾರು 26,000 ಟನ್ ಪೆಲೆಟ್. ಹಿಂದೆ ಬರುತ್ತಿದ್ದ ಆ್ಯಂಡರ್ಸನ್ ರೇಡಿಯೋದಲ್ಲಿ ವಿಚಾರಿಸಿದಾಗ, ನಿಭಾಯಿಸುತ್ತಿದ್ದೇವೆ ಎಂದು ಉತ್ತರ ಬಂದಿತ್ತು. ಸ್ವಲ್ಪ ಹೊತ್ತಿನಲ್ಲೇ ರಾಡಾರ್‌ನಿಂದ ಮರೆಯಾಯಿತು. 29 ಜನರಲ್ಲಿ ಒಬ್ಬರೂ ಉಳಿಯಲಿಲ್ಲ. ವೈಟ್‌ಫಿಶ್ ಕೊಲ್ಲಿಯ ಆಸರೆ ಸೇರಿದ್ದ ಆ್ಯಂಡರ್ಸನ್ ಅದೇ ಬಿರುಗಾಳಿಗೆ ಮತ್ತೆ ಹೊರಟು ಅವರನ್ನು ಹುಡುಕಲು ಹೋಯಿತು.

ನಮ್ಮ ಹಡಗು ಮರುದಿನ ಸಂಜೆ ನಕ್ಷೆಯಲ್ಲಿ ಮತ್ತೆ ಕಾಣಿಸಿತು. ಕೀವಿನಾ ಎಂಬ ಭೂಶಿರದ ಮರೆಯಲ್ಲಿ ಲಂಗರು ಹಾಕಿತ್ತು. ಉಚಿತ ನಕ್ಷೆಗಳು ದಡದ ಆ್ಯಂಟೆನಾಗಳನ್ನು ನಂಬಿವೆ, ನಡು ಸರೋವರದ ಸಂಕೇತ ಅವಕ್ಕೆ ಮುಟ್ಟುವುದಿಲ್ಲ ಎಂದು ಆಮೇಲೆ ತಿಳಿಯಿತು. ನಕ್ಷೆಯಲ್ಲಿ ಹಡಗು ಕಾಣದಿದ್ದರೆ ಹೆದರಬೇಡಿ ಎಂದು ಹೊಸದಾಗಿ ನೋಡುವವರಿಗೆ ನಾನು ಮೊದಲು ಹೇಳುವುದು ಇದಕ್ಕೇ.

ಪರದೆಯಲ್ಲಿ ನೋಡುವುದರಲ್ಲಿ ಒಂದು ಕೊರತೆ ಇದೆ. ಗಾತ್ರ ಮೈಗೆ ತಾಗುವುದಿಲ್ಲ. 2022ರ ಡಿಸೆಂಬರಿನಲ್ಲಿ ಅಪ್ಪನನ್ನೂ ಮಗನನ್ನೂ ಕರೆದುಕೊಂಡು ಪಣಂಬೂರಿಗೆ ಹೋದೆ. ಬೀಚಿನಲ್ಲಿ ನಿಂತು ಫೋನಿನ ನಕ್ಷೆ ಹಿಡಿದು, ದೂರದಲ್ಲಿ ಲಂಗರು ಹಾಕಿದ್ದ ಹಡಗುಗಳ ಹೆಸರು ಓದಿದೆವು. 419ರಿಂದ ಶುರುವಾಗುವ ಒಂದು ಸಂಖ್ಯೆ ಸಿಕ್ಕಾಗ ಮಗ ಕುಣಿದ. ಹಡಗಿನ ಪಕ್ಕದಲ್ಲಿ ಬಳಿಯುವ ಗೆರೆಗಳ ಬಗ್ಗೆ ಅವನಿಗೆ ಹೇಳಿದೆ. ಸಿಹಿನೀರಿನ ಗೆರೆ ಸಮುದ್ರದ ಗೆರೆಗಿಂತ ಮೇಲಿರುತ್ತದೆ, ಯಾಕೆಂದರೆ ಉಪ್ಪುನೀರು ಹೆಚ್ಚು ಎತ್ತಿ ಹಿಡಿಯುತ್ತದೆ, ಸಿಹಿನೀರಿನಲ್ಲಿ ಅದೇ ಹಡಗು ಇನ್ನಷ್ಟು ಮುಳುಗುತ್ತದೆ. ಅವನು ನಂಬಲಿಲ್ಲ. ಬೆಂಗಳೂರಿಗೆ ಬಂದ ಮೇಲೆ ಎರಡು ಪಾತ್ರೆಯಲ್ಲಿ ನೀರಿಟ್ಟು, ಒಂದಕ್ಕೆ ಕಲ್ಲುಪ್ಪು ಚೆನ್ನಾಗಿ ಕರಗಿಸಿ, ಎರಡಕ್ಕೂ ಒಂದೊಂದು ಆಲೂಗಡ್ಡೆ ಬಿಟ್ಟು ತೋರಿಸಿದೆ. ಬರೀ ನೀರಿನದು ತಳ ಸೇರಿತು, ಉಪ್ಪಿನದು ತೇಲಿತು.

ನಾನು ಇಟ್ಟಿರುವ ನೋಟ್‌ಬುಕ್ ಈಗ ನಾಲ್ಕನೆಯದು. ದಿನ, ಹಡಗಿನ ಹೆಸರು, ನಮ್ಮ ಹೊತ್ತು, ಅವರ ಹೊತ್ತು, ಖಾಲಿಯೋ ಲೋಡೋ, ಗಾಳಿ ಹೇಗಿತ್ತು, ಇಷ್ಟೇ. ಜನವರಿ 15ಕ್ಕೆ ಸೂ ಲಾಕ್ ಮುಚ್ಚಿದ ಮೇಲೆ ಹಾಳೆಗಳು ಖಾಲಿ. ಆಗ ಹಳೆಯದನ್ನು ಓದುತ್ತೇವೆ. ಮಾರ್ಚ್ 25ಕ್ಕೆ ಲಾಕ್ ತೆರೆಯುತ್ತದೆ ಎಂದು ಅಪ್ಪ ಕ್ಯಾಲೆಂಡರಿನಲ್ಲಿ, ಯುಗಾದಿಯ ಹತ್ತಿರ, ಕೆಂಪು ಪೆನ್ನಿನಿಂದ ಸುತ್ತು ಹಾಕಿಡುತ್ತಾರೆ.

ಕಳೆದ ವಾರ ನನಗೆ ಜ್ವರ ಬಂದು ಏಳಲಾಗಲಿಲ್ಲ. ಸಂಜೆ ನೋಟ್‌ಬುಕ್ ತೆರೆದರೆ ಅಪ್ಪನ ಕೈಬರಹದಲ್ಲಿ ಇತ್ತು: “ಟ್ರೆಗುರ್ತಾ. ಬೆಳಿಗ್ಗೆ 6:52. ಖಾಲಿ ಬಂತು. ಸಣ್ಣ ಮಳೆ. ಮೂರು ಉದ್ದ, ಎರಡು ಗಿಡ್ಡ. ಸೇತುವೆಯೂ ಉತ್ತರ ಕೊಟ್ಟಿತು.”