ಸಂಜೆ ಆರರ ಲೋಟ

ನಾನು ಶಿವಮೊಗ್ಗದ ಒಂದು ಅಡಿಕೆ ಮಂಡಿಯಲ್ಲಿ ಲೆಕ್ಕ ಬರೆಯುವವಳು. ವಯಸ್ಸು 46. ವಾರಕ್ಕೆ ಎರಡು ಸಂಜೆ ಗಮಕ, ಅಂದರೆ ಕಾವ್ಯವನ್ನು ರಾಗವಾಗಿ ಓದುವ ಕಲೆ, ಕಲಿಯಲು ಹೋಗುತ್ತೇನೆ. ಪಕ್ಕದ ಹೊಸಹಳ್ಳಿ ಗಮಕಕ್ಕೇ ಹೆಸರಾದ ಊರು. ಆ ಗಾಳಿ ನಮ್ಮಂಥವರಿಗೂ ಸ್ವಲ್ಪ ತಾಗಿದೆ. ರಾಗ ಹೇಗೋ ಹಿಡಿಯುತ್ತೆ, ನನ್ನ ಕಷ್ಟವೆಲ್ಲ ಬಾಯಿಪಾಠದ್ದು. ಭಾಮಿನಿ ಷಟ್ಪದಿಯ ಆರು ಸಾಲು ರಾತ್ರಿ ಸರಾಗವಾಗಿ ಬರುತ್ತಿತ್ತು. ಬೆಳಿಗ್ಗೆ ಪಾತ್ರೆ ತೊಳೆಯುತ್ತಾ ಹೇಳಿಕೊಂಡರೆ ನಾಲ್ಕನೇ ಸಾಲು ಮಾಯ.

ವಯಸ್ಸಾಯ್ತು, ಇನ್ನೇನು ಅಂದುಕೊಂಡೆ. ಆಮೇಲೆ ಮಂಡಿಯಲ್ಲೂ ಎಡವಿದೆ. ರಾಶಿ ಅಡಿಕೆಯ ಒಂದು ಚೀಲ 67 ಕೆಜಿ ಇತ್ತು, ನಾನು 76 ಅಂತ ಬರೆದಿದ್ದೆ. ಪುಣ್ಯಕ್ಕೆ ಆ ರೈತರೇ ಪಟ್ಟಿ ನೋಡಿ, 'ಮೇಡಂ, ನಂಗೆ 9 ಕೆಜಿ ಜಾಸ್ತಿ ಕೊಟ್ಟಿದೀರಲ್ಲ' ಎಂದರು. ಅವರು ಸುಮ್ಮನಿದ್ದಿದ್ದರೆ ನನ್ನ ಸಂಬಳಕ್ಕೆ ಕತ್ತರಿ ಬೀಳುತ್ತಿತ್ತು.

ಆಗ ನನ್ನ ಪ್ರಕಾರ ಇದಕ್ಕೆಲ್ಲ ಮದ್ದು ಇನ್ನೊಂದು ಕಾಫಿ. ಗಮಕದ ದಿನ ಸಂಜೆ ಆರಕ್ಕೆ ಸ್ಟ್ರಾಂಗ್ ಒಂದು ಲೋಟ ಬೇಕೇ ಬೇಕಿತ್ತು. ಕುಡಿದ ಅರ್ಧ ಮುಕ್ಕಾಲು ಗಂಟೆಗೆ ತಲೆ ಚುರುಕಾಗುತ್ತಿತ್ತು, ಅದು ಸುಳ್ಳಲ್ಲ. ಆದರೆ ತಲೆ ಚುರುಕಾಗೋದು ಬೇರೆ, ಕಲಿತದ್ದು ತಲೆಯಲ್ಲಿ ನಿಲ್ಲೋದು ಬೇರೆ. ಇದು ನನಗೆ ತಡವಾಗಿ ಗೊತ್ತಾಯ್ತು.

ಕಾಫಿ ನಿಜಕ್ಕೂ ಮಾಡೋದೇನು ಅಂತ ಓದಿದೆ. ಎಚ್ಚರವಿದ್ದಷ್ಟು ಹೊತ್ತು ಮೆದುಳಿನಲ್ಲಿ ಅಡೆನೋಸಿನ್ ಎಂಬ ವಸ್ತು ಕೂಡುತ್ತಾ ಹೋಗುತ್ತದೆ. ಅದು ತನ್ನ ಜಾಗದಲ್ಲಿ ಹೋಗಿ ಕೂತರೆ ನಮಗೆ ತೂಕಡಿಕೆ. ನಮ್ಮ ಬಸ್ ಸ್ಟ್ಯಾಂಡಿನಲ್ಲಿ ಕಿಟಕಿಯಿಂದ ಟವೆಲ್ ಎಸೆದು ಸೀಟು ಹಿಡೀತಾರಲ್ಲ, ಕಾಫಿಯಲ್ಲಿರುವ ಕೆಫೀನ್ ಮಾಡೋದೂ ಅದನ್ನೇ. ಸೀಟಿಗೆ ಟವೆಲ್ ಹಾಕಿಬಿಡುತ್ತದೆ. ಅಡೆನೋಸಿನ್ ಎಲ್ಲೂ ಹೋಗಿರುವುದಿಲ್ಲ, ಕೆಳಗೆ ಕಾಯುತ್ತಾ ನಿಂತಿರುತ್ತದೆ. ಟವೆಲ್ ತೆಗೆದ ಕೂಡಲೇ ಒಟ್ಟಿಗೆ ನುಗ್ಗುತ್ತದೆ. ಮಧ್ಯಾಹ್ನ ಮೂರಕ್ಕೆ ನನ್ನ ಕಣ್ಣು ಎಳೆಯುತ್ತಿದ್ದದ್ದು ಬರೀ ಊಟದಿಂದಲ್ಲ ಅನ್ನಿಸಿತು.

ಮೊದಲು ಎಷ್ಟು ಕುಡಿಯುತ್ತೇನೆ ಅಂತ ನೋಡಿದೆ. ಲೆಕ್ಕದವಳಲ್ವಾ! ಮನೆಯ ಫಿಲ್ಟರಿಗೆ ದಿನಕ್ಕೆ 30 ಗ್ರಾಂ ಪುಡಿ. ಅದರಲ್ಲಿ 6 ಗ್ರಾಂ ಚಿಕೋರಿ, ಅದರಲ್ಲಿ ಕೆಫೀನ್ ಇಲ್ಲ. ಉಳಿದ 24ರಲ್ಲಿ ಅರ್ಧ ಅರೇಬಿಕಾ, ಅರ್ಧ ರೊಬಸ್ಟಾ. ಅರೇಬಿಕಾದಲ್ಲಿ ಕೆಫೀನ್ ಸುಮಾರು ನೂರಕ್ಕೆ 1.2, ರೊಬಸ್ಟಾದಲ್ಲಿ ಹತ್ತಿರ ಹತ್ತಿರ ಎರಡರಷ್ಟು. ಎಲ್ಲ ಸೇರಿ 400 ಮಿಲಿಗ್ರಾಂ ಆಸುಪಾಸು. ಎಲ್ಲವೂ ಡಿಕಾಕ್ಷನ್ನಿಗೆ ಇಳಿಯುವುದಿಲ್ಲ ಬಿಡಿ. ಅದರಲ್ಲಿ ಅರ್ಧ ನನ್ನದು, ಅರ್ಧ ಅತ್ತೆಯವರದ್ದು. ಮೇಲೆ ಮಂಡಿಗೆ ಬರುವ ಮೂರು ಬೈಟು. ಆರೋಗ್ಯವಂತ ದೊಡ್ಡವರಿಗೆ ದಿನಕ್ಕೆ 400 ಮಿಲಿಗ್ರಾಂವರೆಗೆ ತೊಂದರೆಯಿಲ್ಲ, ಬಸುರಿಯರಿಗೆ 200 ಅಂತ ಯುರೋಪಿನ ಆಹಾರ ಸುರಕ್ಷತಾ ಸಂಸ್ಥೆ 2015ರಲ್ಲಿ ಹೇಳಿದೆ. ಅಂದರೆ ನಾನು ಗೆರೆ ದಾಟಿರಲಿಲ್ಲ. ತಪ್ಪಿದ್ದು ಹೊತ್ತಿನಲ್ಲಿ.

ಕುಡಿದ ಕೆಫೀನಿನಲ್ಲಿ ಅರ್ಧ ಮೈಯಿಂದ ಹೋಗಲು ಸುಮಾರು 5 ಗಂಟೆ ಬೇಕು. ಆರಕ್ಕೆ ಕುಡಿದದ್ದರಲ್ಲಿ ಅರ್ಧ ರಾತ್ರಿ 11ಕ್ಕೂ ಒಳಗೇ ಇರುತ್ತದೆ. 'ನಂಗೆ ಮಲಗಿದ ತಕ್ಷಣ ನಿದ್ದೆ ಬರುತ್ತೆ' ಎಂದು ನಾನೂ ವಾದ ಮಾಡುತ್ತಿದ್ದೆ. 2013ರ ಒಂದು ಅಮೆರಿಕನ್ ಅಧ್ಯಯನದಲ್ಲಿ ಮಲಗುವ 6 ಗಂಟೆ ಮೊದಲು 400 ಮಿಲಿಗ್ರಾಂ ತೆಗೆದುಕೊಂಡವರ ನಿದ್ದೆ ಒಂದು ಗಂಟೆಗೂ ಜಾಸ್ತಿ ಕಡಿಮೆಯಾಗಿತ್ತು. ಅದು ಅವರ ಗಮನಕ್ಕೇ ಸರಿಯಾಗಿ ಬಂದಿರಲಿಲ್ಲ. ನಮ್ಮ ಲೋಟದಲ್ಲಿ ಅಷ್ಟಿರುವುದಿಲ್ಲ, ನಿಜ. ಆದರೆ ಹಗಲು ಕಲಿತದ್ದನ್ನು ಮೆದುಳು ಗಟ್ಟಿ ಮಾಡಿಕೊಳ್ಳುವುದು ಬಹುಮಟ್ಟಿಗೆ ನಿದ್ದೆಯಲ್ಲಿ. ನಾನು ಪದ್ಯ ಕಲಿಯಲು ಕುಡಿದ ಕಾಫಿಯೇ ಪದ್ಯ ನಿಲ್ಲಬೇಕಾದ ನಿದ್ದೆಯನ್ನು ತಿನ್ನುತ್ತಿತ್ತು.

ಆವೇಶದಲ್ಲಿ ಒಂದು ಭಾನುವಾರ ಪೂರ್ತಿ ಬಿಟ್ಟೆ. ಬೆಳಿಗ್ಗೆ ಅತ್ತೆ ಹಣೆ ಮುಟ್ಟಿ ನೋಡಿ, 'ಏನೇ, ಜ್ವರ ಬಂತಾ?' ಎಂದರು. ಸೋಮವಾರ ಮಧ್ಯಾಹ್ನಕ್ಕೆ ತಲೆ ಸಿಡಿಯತೊಡಗಿತು. ಕ್ಯಾಲ್ಕ್ಯುಲೇಟರಿನ ಅಂಕಿ ನೋಡಿದರೆ ವಾಂತಿ ಬರುವಂತಾಗುತ್ತಿತ್ತು. ಸಂಜೆ ಯಜಮಾನರು ಮಾತ್ರೆ ತಂದುಕೊಟ್ಟರು. ನುಂಗಿದ ಸ್ವಲ್ಪ ಹೊತ್ತಿಗೆ ತಲೆ ಹಗುರ. ಆಮೇಲೆ ಕನ್ನಡಕ ಹಾಕಿಕೊಂಡು ಮಾತ್ರೆಯ ಹಾಳೆ ತಿರುಗಿಸಿದೆ. ಪ್ಯಾರಾಸಿಟಮಾಲ್ ಜೊತೆಗೆ ಕೆಫೀನ್! ಬಾಗಿಲಿನಿಂದ ಆಚೆ ಹಾಕಿದ್ದು ಕಿಟಕಿಯಿಂದ ಒಳಗೆ ಬಂದಿತ್ತು. ದಿಢೀರ್ ಬಿಟ್ಟರೆ 12ರಿಂದ 24 ಗಂಟೆಯೊಳಗೆ ತಲೆನೋವು ಶುರುವಾಗೋದು ಮಾಮೂಲಂತೆ, ವಾರದವರೆಗೂ ಕಾಡಬಹುದಂತೆ. ದಯವಿಟ್ಟು ನನ್ನಂತೆ ಮಾಡಬೇಡಿ.

ಎರಡನೇ ಸಲ ಮೆಲ್ಲಗೆ ಇಳಿಸಿದೆ. ಬೆಳಗಿನ ಬೆಲ್ಲದ ಕಾಫಿ ಹಾಗೇ ಇರಲಿ ಎಂದೆ. ಅದನ್ನು ಬಿಡುವ ಶಕ್ತಿ ನನಗಿಲ್ಲ. ಸಂಜೆಯದ್ದನ್ನು ನಾಲ್ಕು ದಿನ ಮುಕ್ಕಾಲು ಲೋಟ, ನಾಲ್ಕು ದಿನ ಅರ್ಧ, ಆಮೇಲೆ ಕಷಾಯ. ಕೊತ್ತಂಬರಿ, ಜೀರಿಗೆ, ಸ್ವಲ್ಪ ಮೆಂತ್ಯ, ಮೆಣಸು ಹುರಿದು ಪುಡಿ ಮಾಡಿ, ಹಾಲು ಬೆಲ್ಲ ಹಾಕಿ ಕುದಿಸಿದ್ದು. ಕೈಗೆ ಬಿಸಿ ಲೋಟ ಸಿಕ್ಕಿದರೆ ಅರ್ಧ ಆಸೆ ತೀರುತ್ತದೆ. ಮಧ್ಯಾಹ್ನ ಒಂದರ ಮೇಲೆ ಕಾಫಿ ಇಲ್ಲ. ಕ್ಯಾಲೆಂಡರಿನ ಹಿಂಬದಿಯಲ್ಲಿ ದಿನಾ ಮೂರು ವಿಷಯ ಬರೆದಿಟ್ಟೆ: ಕೊನೆಯ ಕಾಫಿ ಎಷ್ಟು ಹೊತ್ತಿಗೆ, ಮಲಗಿದ್ದು ಎಷ್ಟಕ್ಕೆ, ಬೆಳಿಗ್ಗೆ ನೆನಪಾದ ಸಾಲು ಎಷ್ಟು. ಮೊದಲ ವಾರ ಏನೂ ವ್ಯತ್ಯಾಸ ಇಲ್ಲ, ಸಿಟ್ಟು ಮಾತ್ರ ಜಾಸ್ತಿ. ಮೂರನೇ ವಾರದಿಂದ ಆರಕ್ಕೆ ಆರು ಸಾಲು ಬಂದ ಬೆಳಗುಗಳು ಹೆಚ್ಚಾದವು. ಒಬ್ಬಳ ಕ್ಯಾಲೆಂಡರ್ ವಿಜ್ಞಾನ ಅಲ್ಲ, ಗೊತ್ತು. ಮೊದಲೇ ಮಲಗಿದ್ದರ ಫಲವೂ ಅದರಲ್ಲಿ ಸೇರಿರಬಹುದು.

ಕಲಿತ ಮೇಲೆ ಕಾಫಿ ಕುಡಿದರೆ ನೆನಪು ಗಟ್ಟಿ ಅಂತಲೂ ಒಂದು ಮಾತಿದೆ. 2014ರಲ್ಲಿ ಅಮೆರಿಕದ ಜಾನ್ಸ್ ಹಾಪ್ಕಿನ್ಸ್‌ನವರು ಚಿತ್ರಗಳನ್ನು ತೋರಿಸಿ, ಆಮೇಲೆ 200 ಮಿಲಿಗ್ರಾಂ ಕೆಫೀನ್ ಕೊಟ್ಟು, ಮರುದಿನ ಪರೀಕ್ಷೆ ಮಾಡಿದ್ದರು. ಹೆಚ್ಚುಕಡಿಮೆ ಒಂದೇ ಥರದ ಚಿತ್ರಗಳ ನಡುವಿನ ವ್ಯತ್ಯಾಸವನ್ನು ಕೆಫೀನ್ ತೆಗೆದುಕೊಂಡವರು ಚೆನ್ನಾಗಿ ಗುರುತಿಸಿದರು. ನಂತರ ಬೇರೆಯವರು ಮಾಡಿ ನೋಡಿದಾಗ ಅಷ್ಟು ಪರಿಣಾಮ ಕಾಣಲಿಲ್ಲ. ನಾನು ಅದನ್ನು ನಂಬಿ ಕೂತಿಲ್ಲ. ಆದರೂ ಈಗ ಬೆಳಿಗ್ಗೆ ಐದೂವರೆಗೆ ಮೊದಲು ಪದ್ಯ, ಆಮೇಲೆ ಕಾಫಿ. ಕಾಫಿಯ ಆಸೆಗಾದರೂ ಪದ್ಯ ಬೇಗ ಮುಗಿಯುತ್ತೆ.

'ಕಾಫಿ ಕುಡಿದರೆ ಮರೆವಿನ ಕಾಯಿಲೆ ಬರಲ್ಲ' ಎಂಬ ವಾಟ್ಸಾಪ್ ಸಂದೇಶ ನಿಮಗೂ ಬಂದಿರಬಹುದು. 2009ರ ಫಿನ್ಲೆಂಡಿನ ಅಧ್ಯಯನದಲ್ಲಿ, ನಡುವಯಸ್ಸಿನಲ್ಲಿ ದಿನಕ್ಕೆ 3ರಿಂದ 5 ಕಪ್ ಕುಡಿಯುತ್ತಿದ್ದವರಲ್ಲಿ ಮುಂದೆ ಡಿಮೆನ್ಶಿಯಾ ಕಡಿಮೆ ಕಂಡದ್ದು ನಿಜ. ಆದರೆ ಕಾಫಿಯಿಂದಲೇ ಹಾಗಾಯ್ತು ಅಂತ ಅದು ಸಾಬೀತು ಮಾಡಲಿಲ್ಲ. ಮದ್ದು ಅಂತ ಕುಡಿಯಬೇಡಿ, ರುಚಿಗೆ ಕುಡಿಯಿರಿ.

ನಮ್ಮತ್ತೆಗೆ 74. ರಾತ್ರಿ ಎಂಟಕ್ಕೆ ಕಾಫಿ ಕುಡಿದು ಒಂಬತ್ತಕ್ಕೆ ಗೊರಕೆ. ಕೆಫೀನ್ ಕರಗಿಸುವ ವೇಗ ಒಬ್ಬೊಬ್ಬರ ಲಿವರಿಗೆ ಒಂದೊಂದು ಥರ. ನನ್ನ ಪಥ್ಯ ಅವರಿಗೆ ತಮಾಷೆ.

ಕೊಯ್ಲಿನ ಸೀಸನ್‌ನಲ್ಲಿ ಮಂಡಿಯ ಕೆಲಸ ರಾತ್ರಿ ಎಂಟಾದರೂ ಮುಗಿಯಲ್ಲ. ಆಗ ಏಳಕ್ಕೆ ಬಂದ ಲೋಟವನ್ನು ವಾಪಸ್ ಕಳಿಸುವುದಿಲ್ಲ. ಚೀಲದ ತೂಕ ಸರಿ ಬೀಳಬೇಕಲ್ಲ. ಆ ರಾತ್ರಿ ಹೊಸ ಪದ್ಯಕ್ಕೆ ಮಾತ್ರ ಕೈ ಹಾಕುವುದಿಲ್ಲ.